ಬಿಸ್ಮಾರ್ಕ್: ಮುಳುಗಿತೋ, ಮುಳುಗಿಸಿದರೋ, ಮುಳುಗಿಸಿಕೊಂಡರೋ?

ನಾಪೋಕ್ಲು ಬೆಳೆಗಾರ:

ಇದು ಒಂದು ಹಂದಿಗೆ ಸಂಬಂಧಪಟ್ಟ ಪ್ರಶ್ನೆ. ದಯವಿಟ್ಟು ಗಂಭೀರವಾಗಿ ಓದಿ.

ಮೊನ್ನೆ ಕೊಡಗಿನ ಆಯುಧಪೂಜೆಯ ಹಬ್ಬವಾದ ಕೈಲ್‌ಪೊಳ್ದಿನ ದಿನ ನಮ್ಮ ಮೂಲಮನೆಯಾದ ಐನ್‌ಮನೆಯಲ್ಲಿ ಎಂದಿನಂತೆ ಕೋವಿಗಳನ್ನೆಲ್ಲ ಉಜ್ಜಿ, ಎಣ್ಣೆ ಸವರಿ, ನಡುಕೋಣೆಯಾದ ನೆಲ್ಲಕ್ಕಿ ನಡುಬಾಡೆಯಲ್ಲಿ ಸಾಲಾಗಿ ನಿಲ್ಲಿಸಿದ್ದೆವು. ನಳಿಗೆಯ ಬಾಯಿಗೆ ತೋಕ್‌ಪೂ ಸಿಕ್ಕಿಸುವುದು ನನ್ನ ಕೆಲಸ. ಈ ಸಲ ಮಳೆ ಬಿಟ್ಟೂಬಿಡದೆ ಹೊಡೆದಿದ್ದರಿಂದ ಹೂವುಗಳೆಲ್ಲ ನೆಂದು ಜೋತುಬಿದ್ದಿದ್ದವು. ಒಂದನ್ನು ಸಿಕ್ಕಿಸಿ ಮುಂದಿನ ಕೋವಿಗೆ ಹೋಗುವಷ್ಟರಲ್ಲಿ ಹಿಂದಿನದು ಜಾರಿ ನೆಲಕ್ಕೆ ಬೀಳುತ್ತಿತ್ತು. ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು ನನ್ನ ಅವಸ್ಥೆ ನೋಡುತ್ತಿದ್ದವರು ಭಾವ, ಅಂದರೆ ಅಕ್ಕನ ಗಂಡ. ಸೇನೆಯ ಫಿರಂಗಿ ದಳದಲ್ಲಿ ದುಡಿದು ಸುಬೇದಾರರಾಗಿ ನಿವೃತ್ತರಾದವರು. ಅವರ ಪ್ರಕಾರ ಭೂಮಿಯ ಮೇಲೆ ಇದುವರೆಗೆ ನಡೆದ ಎಲ್ಲ ಯುದ್ಧಗಳನ್ನೂ ಗೆದ್ದಿದ್ದು ಫಿರಂಗಿಯೇ, ಮಿಕ್ಕವರೆಲ್ಲ ಹಿಂದೆ ಸಾಮಾನು ಹೊತ್ತವರು.

ಮಾತು ಹೇಗೋ ಎರಡನೇ ಮಹಾಯುದ್ಧದ ಕಾಲದ ಜರ್ಮನಿಯ ಬಿಸ್ಮಾರ್ಕ್ ಯುದ್ಧನೌಕೆಗೆ ಹೋಯಿತು. ಬ್ರಿಟಿಷರ ಫಿರಂಗಿ ಅದನ್ನು ಮುಳುಗಿಸಿತು ಎಂದರು ಭಾವ. ಇಲ್ಲ, ಶತ್ರುವಿನ ಕೈಗೆ ಸಿಗಬಾರದೆಂದು ಜರ್ಮನರೇ ತಳಕ್ಕೆ ಸ್ಫೋಟಕ ಇಟ್ಟು ಮುಳುಗಿಸಿಕೊಂಡರು ಎಂದೆ ನಾನು. ಕಡಂಬುಟ್ಟು, ಪಂದಿ ಕರಿ ಬಡಿಸುವ ಹೊತ್ತಿಗೆ ಜಗಳ ಎಷ್ಟು ಏರಿತ್ತೆಂದರೆ, ಸೋತವರು ಸುಗ್ಗಿಹಬ್ಬ ಪುತ್ತರಿಗೆ ಒಂದು ಇಡೀ ಹಂದಿ ಕೊಡಿಸಬೇಕು ಎಂದು ಪಂಥವಾಯಿತು. ಇಂಜಿನಿಯರಿಂಗ್ ಓದುತ್ತಿರುವ ಅಳಿಯ ತಟ್ಟೆಯಿಂದ ತಲೆ ಎತ್ತದೆ, "ಮುಳುಗಿತು ಎನ್ನಿ, ಸಾಕು" ಎಂದ. ಇಬ್ಬರೂ ಸೇರಿ ಅವನನ್ನು ಗದರಿಸಿದೆವು. ಆ ದಿನ ನಾವಿಬ್ಬರೂ ಒಪ್ಪಿದ ವಿಷಯ ಅದೊಂದೇ.

ಯಾರು ಗೆದ್ದರು ಎಂದು ತಿಳಿದವರು ಹೇಳಿ. ಪುತ್ತರಿಗೆ ಇನ್ನು ಮೂರು ತಿಂಗಳೂ ಇಲ್ಲ.

ಕಾರವಾರದ ಹಳೆಯ ಮೆಕ್ಯಾನಿಕ್:

ನೌಕಾಪಡೆಯ ಇಂಜಿನ್ ಕೋಣೆಯಲ್ಲಿ ಹದಿನೈದು ವರ್ಷ ಬೆವರು ಸುರಿಸಿದವನು ನಾನು. ಮೊದಲು ಒಂದು ಮಾತು: ಫಿರಂಗಿಯಿಂದ ದೊಡ್ಡ ಹಡಗನ್ನು ಮುಳುಗಿಸುವುದು ಜನ ತಿಳಿದಷ್ಟು ಸುಲಭವಲ್ಲ. ಗುಂಡು ನೀರಿನ ಮಟ್ಟಕ್ಕಿಂತ ಮೇಲೆ ಬೀಳುತ್ತದೆ, ಮೇಲಿನದನ್ನೆಲ್ಲ ಪುಡಿ ಮಾಡುತ್ತದೆ, ಬೆಂಕಿ ಹಚ್ಚುತ್ತದೆ, ಜನರನ್ನು ಕೊಲ್ಲುತ್ತದೆ. ಹಡಗು ಮಾತ್ರ ತೇಲುತ್ತಲೇ ಇರುತ್ತದೆ. ಮುಳುಗಬೇಕಾದರೆ ನೀರು ಒಳಗೆ ಬರಬೇಕು.

ನೀರು ಒಳಗೆ ಬರುವ ದಾರಿ ಹಡಗಿನಲ್ಲಿ ಮೊದಲೇ ಇರುತ್ತದೆ ಎಂಬುದು ಹೊರಗಿನವರಿಗೆ ಗೊತ್ತಿರುವುದಿಲ್ಲ. ಯಂತ್ರ ತಣಿಸಲು ಸಮುದ್ರದ ನೀರನ್ನೇ ಎಳೆದುಕೊಳ್ಳುತ್ತೇವೆ. ಅದಕ್ಕೆ ತಳದಲ್ಲಿ ಆಳು ನುಸುಳುವಷ್ಟು ದಪ್ಪ ಕೊಳವೆಗಳಿರುತ್ತವೆ, ಅವಕ್ಕೆ ವಾಲ್ವ್. ಒಂದು ಸಲ ದುರಸ್ತಿಯ ವೇಳೆ ಇಂಥ ವಾಲ್ವ್‌ನ ಪ್ಯಾಕಿಂಗ್ ಸಡಿಲವಾಗಿ, ಬೆರಳಿನಷ್ಟು ಸಂದಿಯಿಂದ ನುಗ್ಗಿದ ನೀರು ಎದುರಿನ ಗೋಡೆಗೆ ಬಡಿದು ನನ್ನ ಮುಖಕ್ಕೆ ವಾಪಸು ಸಿಡಿದಿತ್ತು. ಇಡೀ ಕೊಳವೆಯನ್ನೇ ಒಡೆದರೆ ಏನಾಗುತ್ತದೆ ಎಂದು ಊಹಿಸಿಕೊಳ್ಳಿ. ಹಡಗನ್ನು ತಾವೇ ಮುಳುಗಿಸುವವರು ಮಾಡುವುದು ಅದನ್ನೇ. ಆ ಕೊಳವೆಗಳ ಬಳಿ ಸ್ಫೋಟಕ ಇಟ್ಟು, ಒಳಗಿನ ನೀರುತಡೆ ಬಾಗಿಲುಗಳನ್ನೆಲ್ಲ ತೆರೆದಿಟ್ಟು ಮೇಲೆ ಓಡುತ್ತಾರೆ.

ಈಗ ಬಿಸ್ಮಾರ್ಕ್. 1941ರ ಮೇ 24ರಂದು ಅದು ಬ್ರಿಟಿಷರ ಹುಡ್ ಹಡಗನ್ನು ಸ್ಫೋಟಿಸಿ ಮುಳುಗಿಸಿತು. 1418 ಜನರಲ್ಲಿ ಉಳಿದವರು ಮೂವರು. ಆಮೇಲೆ ಇಡೀ ಬ್ರಿಟಿಷ್ ನೌಕಾಪಡೆ ಬೆನ್ನು ಹತ್ತಿತು. 26ರ ಸಂಜೆ ಆರ್ಕ್ ರಾಯಲ್ ಎಂಬ ವಿಮಾನವಾಹಕ ಹಡಗಿನಿಂದ ಸ್ವೋರ್ಡ್‌ಫಿಶ್ ವಿಮಾನಗಳು ಬಂದವು. ಎರಡು ಹಂತದ ರೆಕ್ಕೆ, ಬಟ್ಟೆ ಹೊದಿಸಿದ ಮೈ, ಆ ಕಾಲಕ್ಕೇ ಹಳೆಯ ಮಾದರಿ. ಅದೇ ಮಧ್ಯಾಹ್ನ ಇವು ತಮ್ಮದೇ ಶೆಫೀಲ್ಡ್ ಹಡಗನ್ನು ಬಿಸ್ಮಾರ್ಕ್ ಎಂದುಕೊಂಡು ನೀರಿನಡಿ ಸಾಗಿ ಸಿಡಿಯುವ ಟಾರ್ಪಿಡೊ ಬಿಟ್ಟಿದ್ದವು. ಟಾರ್ಪಿಡೊಗಳ ಸಿಡಿತಲೆಯ ಸಾಧನ ಕೈಕೊಟ್ಟಿದ್ದರಿಂದ ಶೆಫೀಲ್ಡ್ ಉಳಿಯಿತು, ಆ ದೋಷವೂ ಬೆಳಕಿಗೆ ಬಂತು. ಬೇರೆ ಸಾಧನ ಜೋಡಿಸಿಕೊಂಡು ಎರಡನೇ ಸಲ ಹೋದಾಗ ಒಂದು ಟಾರ್ಪಿಡೊ ಹಿಂಬದಿಗೆ ಬಡಿದು ಬಿಸ್ಮಾರ್ಕಿನ ಚುಕ್ಕಾಣಿ ಓರೆಯಾಗಿ ಸಿಕ್ಕಿಕೊಂಡಿತು. ಐವತ್ತು ಸಾವಿರ ಟನ್ನಿನ ಹಡಗು ಮೂಗುದಾರ ಕಟ್ಟಿದ ಎತ್ತಿನ ಹಾಗೆ ಸುತ್ತತೊಡಗಿತು.

ಮರುದಿನ ಬೆಳಿಗ್ಗೆ ಕಿಂಗ್ ಜಾರ್ಜ್ ಐದು ಮತ್ತು ರಾಡ್ನಿ ಎಂಬ ಬ್ರಿಟಿಷ್ ಯುದ್ಧನೌಕೆಗಳು ಬಂದು ಹೊಡೆದವು. ಎಲ್ಲ ಹಡಗುಗಳೂ ಸೇರಿ 2800ರಷ್ಟು ಗುಂಡು ಹಾರಿಸಿದವು, ಸುಮಾರು 400 ತಾಗಿದವು. ಬಿಸ್ಮಾರ್ಕಿನ ಫಿರಂಗಿಗಳೆಲ್ಲ ಬಾಯಿ ಮುಚ್ಚಿದವು. ಆದರೂ ತೇಲುತ್ತಲೇ ಇತ್ತು! ಕೆಳಗೆ ಯಂತ್ರಗಳ ಬಳಿ ಯುಂಕ್ ಎಂಬ ಇಂಜಿನಿಯರ್ ಅಧಿಕಾರಿ ಸ್ಫೋಟಕ ಸಿದ್ಧಮಾಡಿಕೊಂಡು ಕಾಯುತ್ತಿದ್ದರು. ಫೋನ್ ಸತ್ತಿತ್ತು. ಆಜ್ಞೆ ಕೇಳಿ ಬಾ ಎಂದು ಮೇಲೆ ಕಳಿಸಿದ ಆಳು ವಾಪಸು ಬರಲಿಲ್ಲ. ಕೊನೆಗೆ ಬತ್ತಿ ಹಚ್ಚಲು ಅವರೇ ಹೇಳಿದರು. ಬದುಕಿ ಉಳಿದು ಇದನ್ನು ಹೇಳಿದವರೂ ಅವರೇ. ಇತ್ತ ಬ್ರಿಟಿಷರ ಡಾರ್ಸೆಟ್‌ಶೈರ್ ಹಡಗು ಹತ್ತಿರ ಬಂದು ಟಾರ್ಪಿಡೊಗಳನ್ನು ಬಿಟ್ಟಿತು. ಹತ್ತೂವರೆ ದಾಟಿದ ಮೇಲೆ ಬಿಸ್ಮಾರ್ಕ್ ಮಗುಚಿಕೊಂಡು ಹೋಯಿತು.

ಆದ್ದರಿಂದ ನನ್ನ ತೀರ್ಪು: ಕೊಂದವರು ಬ್ರಿಟಿಷರು, ಹೂತವರು ಜರ್ಮನರು. ಹಂದಿಯನ್ನು ನೀವೇ ನೋಡಿಕೊಳ್ಳಿ.

ನಾಪೋಕ್ಲು ಬೆಳೆಗಾರ:

ಇಷ್ಟು ವಿವರ ಕೇಳಿ ಸಂತೋಷವಾಯಿತು, ತೀರ್ಪು ಕೇಳಿ ಆಗಲಿಲ್ಲ. ಭಾವನಿಗೆ ಫೋನಿನಲ್ಲಿ ಪೂರ್ತಿ ಓದಿ ಹೇಳಿದೆ. "ನಾನೂರು ಗುಂಡು ತಾಗಿದೆ ಎಂದು ಅವರೇ ಬರೆದಿದ್ದಾರಲ್ಲ" ಎಂದರು. ಆಮೇಲೆ ಅಜ್ಜನ ಕಾಲದ ಬೇಟೆಯ ನ್ಯಾಯ ತೆಗೆದರು. ಗುಂಡು ತಿಂದ ಹಂದಿ ಓಡಿಹೋಗಿ ಹೊಳೆಗೆ ಹಾರಿ ಸತ್ತರೆ, ಅದು ಗುಂಡು ಹೊಡೆದವನದ್ದೋ, ಹೊಳೆಯದ್ದೋ? ನಾನು ಸುಮ್ಮನಿರಲಿಲ್ಲ. ಹಂದಿ ತಾನಾಗಿಯೇ ಹೊಳೆಗೆ ಹಾರಿದರೆ, ಹಿಡಿದೆ ಎಂದು ಹೇಳಿಕೊಳ್ಳುವ ಹಕ್ಕು ಯಾರಿಗೂ ಇಲ್ಲ, ಜರ್ಮನರಿಗೆ ಬೇಕಾಗಿದ್ದೂ ಅಷ್ಟೇ ಎಂದೆ. ಫೋನ್ ಇಟ್ಟುಬಿಟ್ಟರು. ಅಕ್ಕ ಮತ್ತೆ ಕರೆ ಮಾಡಿ, ಎಪ್ಪತ್ತು ವರ್ಷದವರ ರಕ್ತದೊತ್ತಡ ಏರಿಸುವ ವಿಷಯವೇ ಇದು ಎಂದು ನನ್ನನ್ನು ಬೈದಳು.

ಮೈಸೂರಿನ ನಿವೃತ್ತ ಉಪನ್ಯಾಸಕಿ:

ಬೆಳೆಗಾರರೇ, "ಜರ್ಮನರಿಗೆ ಬೇಕಾಗಿದ್ದೂ ಅಷ್ಟೇ" ಎಂದಿರಲ್ಲ, ಆ ಮಾತಿನ ಬೇರು ಬಿಸ್ಮಾರ್ಕಿಗಿಂತ ಹಿಂದಿನದು.

ಮೊದಲ ಮಹಾಯುದ್ಧ ನಿಂತಾಗ ಜರ್ಮನಿಯ 74 ಯುದ್ಧನೌಕೆಗಳನ್ನು ಸ್ಕಾಟ್ಲೆಂಡಿನ ಉತ್ತರದ ಸ್ಕಾಪಾ ಫ್ಲೋ ಎಂಬ ಕೊಲ್ಲಿಯಲ್ಲಿ ಬ್ರಿಟಿಷರ ಕಣ್ಗಾವಲಲ್ಲಿ ಕಟ್ಟಿಹಾಕಿದ್ದರು. ಜರ್ಮನ್ ನಾವಿಕರೇ ಹಡಗಿನಲ್ಲಿದ್ದರು, ದಡಕ್ಕೆ ಇಳಿಯಲು ಅನುಮತಿಯಿಲ್ಲ. ತಿಂಗಳುಗಟ್ಟಲೆ ಹಾಗೇ. ಶಾಂತಿ ಒಪ್ಪಂದವಾದರೆ ಹಡಗುಗಳು ಶತ್ರುಗಳ ಪಾಲಾಗುತ್ತವೆ ಎಂದು ಅವರ ಅಡ್ಮಿರಲ್ ಲುಡ್‌ವಿಗ್ ಫಾನ್ ರಾಯ್ಟರ್‌ಗೆ ಖಾತ್ರಿಯಿತ್ತು. 1919ರ ಜೂನ್ 21ರ ಬೆಳಿಗ್ಗೆ ಬ್ರಿಟಿಷ್ ದೊಡ್ಡ ಹಡಗುಗಳು ಅಭ್ಯಾಸಕ್ಕೆಂದು ಹೊರಗೆ ಹೋಗಿದ್ದೇ ತಡ, ಸಂಕೇತ ಹೊರಟಿತು. ಮಧ್ಯಾಹ್ನದಿಂದ ಒಂದೊಂದಾಗಿ ವಾಲತೊಡಗಿದವು. ಸಂಜೆಯ ಹೊತ್ತಿಗೆ 52 ಹಡಗುಗಳು ತಳ ಸೇರಿದ್ದವು.

ನನಗೆ ಮರೆಯಲಾಗದ್ದು ಇನ್ನೊಂದು. ಆ ದಿನ ಹತ್ತಿರದ ಸ್ಟ್ರಾಮ್ನೆಸ್ ಊರಿನ ಶಾಲಾ ಮಕ್ಕಳನ್ನು ಒಂದು ದೋಣಿಯಲ್ಲಿ ಜರ್ಮನ್ ಹಡಗು ತೋರಿಸಲು ಪ್ರವಾಸ ಕರೆತಂದಿದ್ದರು. ಅವರ ಕಣ್ಣೆದುರೇ ಇದೆಲ್ಲ ನಡೆಯಿತು. ಮೂವತ್ತು ವರ್ಷ ಮಕ್ಕಳನ್ನು ಪ್ರವಾಸಕ್ಕೆ ಕರೆದೊಯ್ದವಳು ನಾನು. ಆ ಮೇಷ್ಟರ ಪಾಡು ನೆನೆದರೆ ಇಂದಿಗೂ ಎದೆ ಹಾರುತ್ತದೆ. ಗಲಿಬಿಲಿಯಲ್ಲಿ ಬ್ರಿಟಿಷರು ಗುಂಡು ಹಾರಿಸಿ ಒಂಬತ್ತು ಜರ್ಮನರು ಸತ್ತರು.

ಇನ್ನು 1939ರ ಡಿಸೆಂಬರ್ 17. ಜರ್ಮನಿಯ ಗ್ರಾಫ್ ಸ್ಪೀ ಯುದ್ಧನೌಕೆ ಏಟು ತಿಂದು ಉರುಗ್ವೆಯ ಮಾಂಟೆವಿಡಿಯೊ ಬಂದರಿಗೆ ಬಂದಿತ್ತು. ಉರುಗ್ವೆ ಸರ್ಕಾರ ಕೊಟ್ಟ ಗಡುವು 72 ಗಂಟೆ. ಹೊರಗೆ ಭಾರೀ ಬ್ರಿಟಿಷ್ ಪಡೆ ಕಾಯುತ್ತಿದೆ ಎಂಬ ಸುದ್ದಿ ಹಬ್ಬಿತ್ತು. ಅದು ಬ್ರಿಟಿಷರೇ ಹಬ್ಬಿಸಿದ್ದು. ಕ್ಯಾಪ್ಟನ್ ಲಾಂಗ್ಸ್‌ಡಾರ್ಫ್ ನದೀಮುಖಕ್ಕೆ ಹೋಗಿ, ತಮ್ಮ ಜನರನ್ನು ಇಳಿಸಿ, ಹಡಗನ್ನು ಸ್ಫೋಟಿಸಿದರು. ದಡದಲ್ಲಿ ಜನ ಜಾತ್ರೆಯಂತೆ ಸೇರಿ ನೋಡಿದರು. ಮೂರು ದಿನ ಕಳೆಯುವುದರೊಳಗೆ ಬ್ಯೂನಸ್ ಐರಿಸ್‌ನಲ್ಲಿ ಅವರು ತಮಗೇ ಗುಂಡು ಹೊಡೆದುಕೊಂಡರು. ಈ ಹಡಗು ಮುಳುಗಿಸಿದ ಒಂಬತ್ತು ವ್ಯಾಪಾರಿ ಹಡಗುಗಳಲ್ಲಿ ಒಬ್ಬ ನಾವಿಕನೂ ಸತ್ತಿರಲಿಲ್ಲ ಎಂಬುದನ್ನೂ ಸೇರಿಸಬೇಕು.

ಮುಳುಗಿಸಿಕೊಳ್ಳುವುದರಲ್ಲೂ ಎರಡು ಬಗೆ ಇದೆ. ಇವರಿಬ್ಬರೂ ತಮ್ಮ ಜನರನ್ನು ಇಳಿಸಿ ಮುಳುಗಿಸಿದರು. ಬಿಸ್ಮಾರ್ಕಿನಲ್ಲಿ 2200ಕ್ಕೂ ಹೆಚ್ಚು ಜನರಿದ್ದರು, ಉಳಿದವರು ಸುಮಾರು 115. ಅದರ ಮೇಲೆ ಪಂಥ ಕಟ್ಟಿದ್ದು ನನಗಷ್ಟು ಹಿಡಿಸಲಿಲ್ಲ, ಕ್ಷಮಿಸಿ.

ಮಾಕುಟ್ಟ ದಾರಿ:

ವಿರಾಜಪೇಟೆಯವನು. ಹಿಂದೆ ನಮ್ಮ ಕಾಫಿ ಮಾಕುಟ್ಟ ಘಾಟಿ ಇಳಿದು ತಲಶ್ಶೇರಿ ಬಂದರಿಗೆ ಹೋಗುತ್ತಿತ್ತು. ಆದ್ದರಿಂದ ನನಗೆ ಬಿಸ್ಮಾರ್ಕಿಗಿಂತ ಮೊದಲ ಮಹಾಯುದ್ಧದ ಜರ್ಮನ್ ಯುದ್ಧನೌಕೆ ಎಮ್ಡನ್ ಹತ್ತಿರದ್ದು. ನಮ್ಮ ಮನೆಗೆ ಬರುತ್ತಿದ್ದ ಕಣ್ಣೂರು ಕಡೆಯ ಬಡಗಿ ಒಬ್ಬರು ದಪ್ಪ ಹಲಸಿನ ದಿಮ್ಮಿ ಕಂಡರೆ ಸಾಕು, "ಎಮಂಡನ್!" ಎಂದು ಮೀಸೆ ತಿರುವುತ್ತಿದ್ದರು. ಮಲಯಾಳದಲ್ಲಿ ಆ ಮಾತು ಈ ಹಡಗಿನಿಂದಲೇ ಬಂದಿದ್ದೆಂದು ಹೇಳುತ್ತಾರೆ. ತಮಿಳಿನಲ್ಲಿ ಎಮ್ಡನ್ ಎಂದರೆ ಚಾಲಾಕಿ.

ಚಾಲಾಕಿ ಹೌದು. ಕ್ಯಾಪ್ಟನ್ ಮ್ಯುಲ್ಲರ್ ಮೂರು ಹೊಗೆಕೊಳವೆಯ ಹಡಗಿಗೆ ನಾಲ್ಕನೆಯ ಸುಳ್ಳು ಕೊಳವೆ ಕಟ್ಟಿ ಬ್ರಿಟಿಷ್ ಹಡಗಿನ ವೇಷ ಹಾಕಿಸಿದವರು. 1914ರ ಸೆಪ್ಟೆಂಬರ್ 22ರ ರಾತ್ರಿ ಮದ್ರಾಸಿನ ಎಣ್ಣೆ ಟ್ಯಾಂಕುಗಳಿಗೆ ಬೆಂಕಿಯಿಟ್ಟು ಮಾಯವಾದರು. ಅಕ್ಟೋಬರಿನಲ್ಲಿ ಹಿಂದೂ ಮಹಾಸಾಗರದ ಡಿಯಾಗೊ ಗಾರ್ಸಿಯಾ ದ್ವೀಪಕ್ಕೆ ಹೋದರೆ ಅಲ್ಲಿನವರಿಗೆ ಯುದ್ಧ ಶುರುವಾಗಿರುವುದೇ ಗೊತ್ತಿರಲಿಲ್ಲ! ಇವರೂ ಹೇಳಲಿಲ್ಲ. ಒಬ್ಬರ ಕೆಟ್ಟ ಮೋಟಾರು ದೋಣಿ ರಿಪೇರಿ ಮಾಡಿಕೊಟ್ಟು ಹೊರಟುಬಂದರು. ಆಮೇಲೆ ಮಿನಿಕಾಯ್ ಬಳಿ ಹಡಗಿನ ಮೇಲೆ ಹಡಗು ಹಿಡಿದು, ಸೆರೆಯಾದ ನಾವಿಕರನ್ನು ಸೇಂಟ್ ಎಗ್ಬರ್ಟ್ ಎಂಬ ಹಡಗಿಗೆ ತುಂಬಿ ಕೊಚ್ಚಿಗೆ ಕಳಿಸಿದರು.

ನವೆಂಬರ್ 9ರಂದು ಕೊಕೊಸ್ ದ್ವೀಪದ ತಂತಿ ಕಚೇರಿಯನ್ನು ಹಾಳುಮಾಡಲು ಹೋದಾಗ, ಅಲ್ಲಿನವರು ಅಪರಿಚಿತ ಹಡಗು ಬಂದಿದೆ ಎಂದು ಮೊದಲೇ ಸಂದೇಶ ಕಳಿಸಿಬಿಟ್ಟಿದ್ದರು. ಆಸ್ಟ್ರೇಲಿಯಾದ ಸಿಡ್ನಿ ಹಡಗು ಬಂತು. ಅದರ ಫಿರಂಗಿ ದೊಡ್ಡದು, ಎಟುಕು ಉದ್ದ. ಸೋಲು ಖಚಿತವಾದಾಗ ಮ್ಯುಲ್ಲರ್ ಹಡಗನ್ನು ಹವಳದ ದಿಬ್ಬಕ್ಕೆ ಹತ್ತಿಸಿಬಿಟ್ಟರು. ಹಾಗಾಗಿ ಎಮ್ಡನ್ ಮುಳುಗಲೂ ಇಲ್ಲ, ಮುಳುಗಿಸಲೂ ಇಲ್ಲ, ಮುಳುಗಿಸಿಕೊಳ್ಳಲೂ ಇಲ್ಲ. ನಿಮ್ಮ ಮೂರು ಕ್ರಿಯಾಪದಗಳಿಗೂ ಅದು ಸಿಗುವುದಿಲ್ಲ.

ಸುಳ್ಯದ ಅಡಿಕೆ:

ಉಪನ್ಯಾಸಕಿಯವರ ಮಾತು ಸರಿ. ಆದರೂ ಹಂದಿ ಕಡಿಯುವ ದಿನ ತಿಳಿಸಿ.

ಕಾರವಾರದ ಹಳೆಯ ಮೆಕ್ಯಾನಿಕ್:

ಮುಳುಗಿಸಿಕೊಂಡವರ ಪಟ್ಟಿಗೆ ನಮ್ಮ ನೆರೆಯದ್ದೂ ಒಂದು. ಯುದ್ಧನೌಕೆಯಲ್ಲ, ಸರಕು ಹಡಗುಗಳು. ಪೋರ್ಚುಗೀಸರ ಗೋವಾದ ಮರ್ಮಗೋವಾ ಬಂದರಿನಲ್ಲಿ ಎಹ್ರೆನ್‌ಫೆಲ್ಸ್ ಮತ್ತು ಇನ್ನೆರಡು ಜರ್ಮನ್ ಹಡಗುಗಳು ಯುದ್ಧ ಶುರುವಾದಾಗಿನಿಂದ ಆಶ್ರಯ ಪಡೆದು ನಿಂತಿದ್ದವು. 1943ರ ಮಾರ್ಚ್ 9ರ ರಾತ್ರಿ ಕಲ್ಕತ್ತಾದಿಂದ ತಂದ ಹೂಳು ಸಾಗಿಸುವ ದೋಣಿಯೊಂದರಲ್ಲಿ ಬಂದ ಬ್ರಿಟಿಷರು ದಾಳಿ ಮಾಡಿದರು. ಅವರಲ್ಲಿ ಹೆಚ್ಚಿನವರು ನಡುವಯಸ್ಸು ದಾಟಿದ ಕಚೇರಿಯ ಸಾಹೇಬರು. ಜರ್ಮನರು ತಮ್ಮ ಹಡಗುಗಳಿಗೆ ತಾವೇ ಬೆಂಕಿ ಹಚ್ಚಿ ಮುಳುಗಿಸಿದರು. ಕಾರವಾರದಿಂದ ಅಷ್ಟೇನೂ ದೂರವಿಲ್ಲ.

ಮತ್ತೊಂದು: ಬಿಸ್ಮಾರ್ಕಿಗೆ ಕೊನೆಯ ಟಾರ್ಪಿಡೊ ಬಿಟ್ಟ ಡಾರ್ಸೆಟ್‌ಶೈರ್ ನೀರಲ್ಲಿ ಬಿದ್ದ ಜರ್ಮನರನ್ನು ಎತ್ತಿಕೊಳ್ಳುತ್ತಿರುವಾಗ, ಜಲಾಂತರ್ಗಾಮಿ ಇದೆ ಎಂಬ ಅನುಮಾನದಿಂದ ನೂರಾರು ಜನರನ್ನು ಹಾಗೇ ಬಿಟ್ಟು ಹೊರಟಿತು. ಮರುವರ್ಷ ಏಪ್ರಿಲ್ 5ರಂದು ಸಿಲೋನಿನ ಆಚೆ ಜಪಾನಿ ವಿಮಾನಗಳು ಅದನ್ನೇ ಮುಳುಗಿಸಿದವು.

ನಾಪೋಕ್ಲು ಬೆಳೆಗಾರ:

ಎಲ್ಲರಿಗೂ ವಂದನೆ. ಉಪನ್ಯಾಸಕಿ ಅಮ್ಮ, ನಿಮ್ಮ ಮಾತು ತಾಗಿತು. ಭಾವನಿಗೂ ಓದಿ ಹೇಳಿದೆ. ಅವರು ಸ್ವಲ್ಪ ಹೊತ್ತು ಏನೂ ಹೇಳದೆ, ಆಮೇಲೆ ಡಾರ್ಸೆಟ್‌ಶೈರ್ ವಿಷಯವನ್ನು ಇನ್ನೊಮ್ಮೆ ಓದು ಎಂದರು. ಓದಿದೆ. "ಹಡಗು ನಿಲ್ಲಿಸಿಕೊಂಡಿದ್ದರೆ ಆ ಕ್ಯಾಪ್ಟನ್ನನ ಜನ ಸಾಯುತ್ತಿದ್ದರು" ಎಂದರು. ಇದರಲ್ಲಿ ಮಾತ್ರ ನಾನು ವಾದ ಮಾಡಲಿಲ್ಲ. ಅಂಥ ಲೆಕ್ಕ ಹಾಕಿದವರು ಅವರು, ನಾನು ಕಾಫಿ ಗಿಡ ಎಣಿಸಿದವನು.

ಪಂಥ ರದ್ದಾಗಿದೆ. ಹಂದಿ ರದ್ದಾಗಿಲ್ಲ, ಅರ್ಧರ್ಧ ದುಡ್ಡು ಹಾಕುತ್ತಿದ್ದೇವೆ. ಅಳಿಯ, "ನಾನು ಮೊದಲೇ ಮುಳುಗಿತು ಎಂದಿದ್ದೆ" ಎಂದು ತನ್ನ ಪಾಲಿನ ದುಡ್ಡು ಕೊಡಲು ಒಪ್ಪುತ್ತಿಲ್ಲ.

ಇಂದು ಬೆಳಿಗ್ಗೆ ಭಾವ ಕೊಡೆ ಹಿಡಿದು ತೋಟದವರೆಗೆ ಬಂದಿದ್ದರು. ಬೇಲಿಯ ಆಚೆಯಿಂದಲೇ ಕೂಗಿದರು: ಹುಡ್ ಹಡಗಿಗೆ ಮೊದಲು ಬೆಂಕಿ ಹತ್ತಿಸಿದ್ದು ಬಿಸ್ಮಾರ್ಕಿನ ಗುಂಡಲ್ಲ, ಜೊತೆಗಿದ್ದ ಪ್ರಿನ್ಸ್ ಓಯ್ಗನ್‌ನ ಚಿಕ್ಕ ಫಿರಂಗಿಯದ್ದಂತೆ, ಹೌದೋ ಅಲ್ಲವೋ ನಿನ್ನ ಜನರನ್ನು ಕೇಳು. ಕೇಳುತ್ತಿದ್ದೇನೆ. ಈ ಸಲ ಪಂಥ ಎರಡು ಕಿಲೋ ಕಾಳುಮೆಣಸಿಗೆ ಮಾತ್ರ.