ದೇಶಕ್ಕೆ ಲಕ್ಷ ಕೋಟಿ ತರೋ ಟೂರಿಸಂನಲ್ಲಿ ನಮ್ಮೂರಲ್ಲಿ ಉಳಿಯೂದು ಎಷ್ಟು? ಸಾಲ ಮಾಡಿ ರೂಮ್ ಕಟ್ಟಬಹುದಾ?

ತದಡಿ ರಸ್ತೆ ಬರೆದದ್ದು:

ನಮಸ್ಕಾರ ಎಲ್ರಿಗೂ. ನಮ್ಮ ಮನೆ ಗೋಕರ್ಣದಿಂದ ತದಡಿಗೆ ಹೋಗೂ ರಸ್ತೆ ಬದೀಗೆ, ಹಿಂದೆ ಸ್ವಲ್ಪ ಗಜನಿ (ಉಬ್ಬರದ ಉಪ್ಪುನೀರು ಬರೋ ಗದ್ದೆ), ಮನೆ ಪಕ್ಕ ಹದಿನೆಂಟು ತೆಂಗಿನ ಮರ. ಅಣ್ಣ ಬೆಂಗಳೂರಲ್ಲಿದ್ದಾನೆ. ಚೌತಿಗೆ ಬಂದವನು ತೆಂಗಿನ ಮರ ತೆಗೆಸಿ ಅಲ್ಲಿ ಆರು ರೂಮ್ ಕಟ್ವ, ಬ್ಯಾಂಕಲ್ಲಿ 40 ಲಕ್ಷ ಲೋನ್ ಮಾಡ್ವ ಹೇಳಿ ಹಿಡ್ಕಂಡಿದ್ದಾನೆ, ವಾಪಸ್ ಹೋದ್ಮೇಲೂ ದಿನಾ ಫೋನು. ಅವ ತೋರಿಸೂದು ಬರೀ ದೇಶದ ಲೆಕ್ಕ. 2023ರಲ್ಲಿ ಭಾರತದಲ್ಲಿ 250 ಕೋಟಿ ಪ್ರವಾಸ ಆಗಿದೆಯಂತೆ, ವಿದೇಶಿಯರಿಂದಲೇ 2.31 ಲಕ್ಷ ಕೋಟಿ ರೂಪಾಯಿ ಬಂದಿದೆಯಂತೆ, ಜಿಡಿಪಿಯಲ್ಲಿ 5 ಪರ್ಸೆಂಟ್ ಟೂರಿಸಂದೇ ಅಂತೆ. ಅಷ್ಟು ದೊಡ್ಡ ಹೊಳೆ ಹರೀತಿರುವಾಗ ನಾವು ಒಂದು ಕೊಡಪಾನ ಹಿಡಿಯೂಕೂ ಆಗೂದಿಲ್ವಾ ಅಂತಾನೆ.

ಅಪ್ಪ ಹೆಚ್ಚು ಮಾತಾಡೂದಿಲ್ಲ, ಕೇಳಿದ್ದು ಒಂದೇ, ಜೂನಿಂದ ಸೆಪ್ಟೆಂಬರ್ ತನಕ ಕಂತು ಯಾರು ಕಟ್ತಾರೆ ಹೇಳಿ. ಅದಕ್ಕೆ ಅಣ್ಣನ ಹತ್ರ ಉತ್ತರ ಇಲ್ಲ, ನನ್ನ ಹತ್ರವೂ ಇಲ್ಲ.

ನಂಗೆ ತಿಳೀಬೇಕಾದ್ದು ಈ ದೇಶದ ಅಂಕಿ ಎಲ್ಲ ಹೆಂಗೆ ಲೆಕ್ಕ ಹಾಕ್ತಾರೆ, ಅದ್ರಲ್ಲಿ ನಮ್ಮಂಥ ಊರಿನ ಬಾಗಿಲಿಗೆ ನಿಜವಾಗಿ ಎಷ್ಟು ಬರ್ತದೆ. ಈ ಕೆಲಸದಲ್ಲಿ ಇದ್ದವ್ರು, ಓದಿದವ್ರು ಯಾರಾದ್ರೂ ಹೇಳಿ. ಜನವರಿ ಒಳಗೆ ಏನಾದ್ರೂ ಒಂದು ತೀರ್ಮಾನ ಮಾಡಬೇಕು.

ಶಿರಸಿ ಮೇಷ್ಟ್ರು ಬರೆದದ್ದು:

ತಮ್ಮಾ, ನಾನು ಕಾಲೇಜಲ್ಲಿ ಅರ್ಥಶಾಸ್ತ್ರ ಹೇಳಿಕೊಡೋನು, ಅಂಕಿಯ ಬಗ್ಗೆ ಮಾತ್ರ ಹೇಳ್ತೆ, ರೂಮಿನ ವಿಷಯ ಮಾಡಿದವ್ರು ಹೇಳ್ಲಿ.

ಮೊದಲು ಆ 250 ಕೋಟಿ. ಅದು ಜನ ಅಲ್ಲ, ಭೇಟಿ. ದೇಶದ ಜನಸಂಖ್ಯೆಯೇ 140 ಕೋಟಿ ಚಿಲ್ಲರೆ. ಹುಬ್ಬಳ್ಳಿಯ ಒಂದು ಸಂಸಾರ ಶುಕ್ರವಾರ ಹೊರಟು ಇಡಗುಂಜಿ, ಮುರ್ಡೇಶ್ವರ, ಗೋಕರ್ಣ ಮೂರೂ ಮುಗಿಸಿ ಭಾನುವಾರ ರಾತ್ರಿ ಮನೆ ಸೇರಿದ್ರೆ ಅದೇ ನಾಕು ಜನ ಮೂರು ಕಡೆ ಲೆಕ್ಕಕ್ಕೆ ಸಿಗಬಹುದು. ಪ್ರತಿ ರಾಜ್ಯದ ಪ್ರವಾಸೋದ್ಯಮ ಇಲಾಖೆ ಕೊಟ್ಟ ಸಂಖ್ಯೆಯನ್ನ ಕೇಂದ್ರದವ್ರು ಕೂಡಿಸ್ತಾರೆ, ದೇವಸ್ಥಾನದ ಜನಸಂದಣಿಯೂ ಅದ್ರಲ್ಲೇ ಇರ್ತದೆ. ಹಂಗಾಗಿ ಅದು ಸುಳ್ಳು ಸಂಖ್ಯೆ ಅಲ್ಲ, ಆದ್ರೆ 250 ಕೋಟಿ ಸಲ ಯಾರೋ ರೂಮ್ ಬಾಡಿಗೆ ಕೊಟ್ಟಿದ್ದಾರೆ ಹೇಳಿ ತಿಳ್ಕೊಂಡ್ರೆ ಪೂರಾ ತಪ್ಪು.

ವಿದೇಶಿಯರ ಲೆಕ್ಕ ಸ್ವಲ್ಪ ಗಟ್ಟಿ, ಏರ್‌ಪೋರ್ಟಲ್ಲಿ, ಗಡಿಯಲ್ಲಿ ಪಾಸ್‌ಪೋರ್ಟ್ ನೋಡುವಾಗಲೇ ಎಣಿಸ್ತಾರೆ. 2019ರಲ್ಲಿ 1.09 ಕೋಟಿ ಜನ ಬಂದಿದ್ರು, ಕೊರೊನಾ ಬಂದ 2020ರಲ್ಲಿ ಅದು 27 ಲಕ್ಷಕ್ಕೆ ಕುಸೀತು, 2023ರಲ್ಲಿ 95 ಲಕ್ಷ. ಇದ್ರಲ್ಲೂ ರಜೆ ಕಳೆಯೋಕೆ ಬಂದವ್ರು ಮಾತ್ರ ಅಲ್ಲ, ನೆಂಟರ ಮನೆಗೆ, ಬಿಸಿನೆಸ್ಸಿಗೆ, ಆಸ್ಪತ್ರೆಗೆ ಬಂದವ್ರೂ ಸೇರ್ತಾರೆ. ಬಾಂಗ್ಲಾದೇಶದಿಂದ ಬರೋರು ಬಹಳ, ಅವ್ರು ಗೋಕರ್ಣದ ಓಂ ಬೀಚಿಗೆ ಬರೂದಿಲ್ಲ.

ಇನ್ನು 5 ಪರ್ಸೆಂಟ್. ಜಿಡಿಪಿ ಪುಸ್ತಕದಲ್ಲಿ ಟೂರಿಸಂ ಹೇಳಿ ಬೇರೆ ಸಾಲೇ ಇಲ್ಲ, ಅದಕ್ಕೆ ಉಪಲೆಕ್ಕ ಅಂತ ಬೇರೆ ಮಾಡ್ತಾರೆ. ಲಾಡ್ಜು, ರೈಲು, ವಿಮಾನ, ಬಸ್ಸು, ಊಟ, ಖರೀದಿ ಒಂದೊಂದ್ರಲ್ಲೂ ಪ್ರವಾಸಿಗರು ಖರ್ಚು ಮಾಡಿದ ಪಾಲನ್ನ ಬೇರ್ಪಡಿಸಿ ಕೂಡಿಸ್ತಾರೆ, ಅದು ನೇರ ಪಾಲು. ಅದ್ರ ಹಿಂದಿರೋ ಹಾಲಿನ ಡೈರಿ, ಚಾದರ ನೇಯೋ ಮಿಲ್ಲು, ಸಿಮೆಂಟು ಇವೆಲ್ಲ ಪರೋಕ್ಷ ಪಾಲು. ಹೆಚ್ಚುಕಡಿಮೆ ಅರ್ಧ ಅರ್ಧ. 2022-23ಕ್ಕೆ ಇವೆರಡೂ ಸೇರಿ 5 ಪರ್ಸೆಂಟ್, ಕೆಲಸದ ಲೆಕ್ಕದಲ್ಲಿ 7.6 ಕೋಟಿ ಜನ. ಇದೇ 5 ಪರ್ಸೆಂಟ್ 2020-21ರಲ್ಲಿ ಒಂದೂವರೆಗೆ ಇಳಿದಿತ್ತು, ಅದನ್ನ ನಿಮ್ಮಣ್ಣ ಹೇಳಿದ್ನಾ?

ಒಂದು ಒಳ್ಳೆ ಮಾತೂ ಇದೆ. ಥೈಲ್ಯಾಂಡಿಗೆ 2019ರಲ್ಲಿ ಸುಮಾರು 4 ಕೋಟಿ ವಿದೇಶಿಯರು ಬಂದಿದ್ರು, ನಮಗಿಂತ ಮೂರೂವರೆ ಪಟ್ಟು ಹೆಚ್ಚು. ಮರುವರ್ಷ 67 ಲಕ್ಷ. ಅವ್ರ ಊರೂರೇ ಕೆಲಸ ಇಲ್ಲದೆ ಕೂತ್ವು, ಯಾಕಂದ್ರೆ ಹೊರಗಿನವ್ರನ್ನೇ ನಂಬಿದ್ದು. ನಮ್ಮ ದೇಶದಲ್ಲಿ ಟೂರಿಸಂ ಖರ್ಚಿನ ದೊಡ್ಡ ಭಾಗ ನಮ್ಮವ್ರೇ ಮಾಡೂದು. ನಿನ್ನ ಗೇಟಿಗೆ ಡಾಲರ್ ಬರೂದಿಲ್ಲ, ಧಾರವಾಡ ಬೆಳಗಾವಿ ಬೆಂಗಳೂರಿನ ಕಾರು ಬರ್ತದೆ. ಲೆಕ್ಕ ಅದ್ರ ಮೇಲೆ ಹಾಕು.

ಕೋಟಿತೀರ್ಥ ಅಕ್ಕ ಬರೆದದ್ದು:

ನಾವು ಗೋಕರ್ಣದಲ್ಲಿ ಏಳು ವರ್ಷದಿಂದ ಮನೆ ಮೇಲೆ ನಾಕು ರೂಮ್ ನಡೆಸ್ತಾ ಇದ್ದೇವೆ. ಮೇಷ್ಟ್ರು ದೇಶದ ಲೆಕ್ಕ ಹೇಳಿದ್ರು, ನಾನು ನಮ್ಮ ನೋಟ್‌ಬುಕ್ಕಿನ ಒಂದು ಪುಟ ಹೇಳ್ತೆ.

ಮೊನ್ನೆ ಗಂಡ ಹೆಂಡತಿ ಎರಡು ರಾತ್ರಿ ಇದ್ರು. ರೂಮಿಗೆ ರಾತ್ರಿಗೆ 1,800, ಒಟ್ಟು 3,600. ರೂಮ್ ಬುಕ್ ಮಾಡೋ ಆಪಿನಿಂದ ಬಂದವ್ರು, ಅವ್ರ ಕಮಿಷನ್ ಅದು ಇದು ಸೇರಿ 720 ಅಲ್ಲೇ ಹೋಯ್ತು, ಆ ದುಡ್ಡು ನಮ್ಮ ಜಿಲ್ಲೆಯ ಮುಖ ಸಹ ನೋಡ್ಲಿಲ್ಲ. ಕೆಲಸಕ್ಕೆ ಬರೋ ಅಕ್ಕನಿಗೆ ಎರಡು ದಿನಕ್ಕೆ 600. ಚಾದರ, ಟವೆಲ್ ಒಗೆಯೋದು, ಸಾಬೂನು ಹೇಳಿ 150. ಬೆಳಿಗ್ಗೆ ತಿಂಡಿ ರೂಮಿನ ದರದಲ್ಲೇ ಸೇರಿದ್ದು, ಅದ್ರ ಸಾಮಾನು 200. ಕರೆಂಟ್ 250, ಎಸಿ ಹಾಕ್ಕೊಂಡೇ ಬೀಚಿಗೆ ಹೋಗ್ತಾರೆ, ಎಷ್ಟು ಹೇಳಿದ್ರೂ. ಕಡೆಗೆ ನಂಗೆ ಉಳಿದದ್ದು 1,680, ಅಂದ್ರೆ ರಾತ್ರಿಗೆ 840. ಅದ್ರಲ್ಲೇ ಪೇಂಟು, ಗೀಸರ್ ರಿಪೇರಿ, ವರ್ಷಕ್ಕೊಂದ್ಸಲ ಹಂಚು ಕೈಯಾಡಿಸೋದು ಎಲ್ಲ.

ಆದ್ರೆ ಅವ್ರಿಂದ ಊರಿಗೆ ಬಂದದ್ದು ಅಷ್ಟೇ ಅಲ್ಲ. ಗೋಕರ್ಣ ರೋಡ್ ಸ್ಟೇಷನ್ನಿಂದ ಆಟೋ ಮಾಡಿ ಬಂದ್ರು. ಮಧ್ಯಾಹ್ನ ಮೀನೂಟ ಬೇಕು ಅಂದ್ರು, ಬಾಗಿಲಿಗೆ ಬರೋ ಮೀನಿನ ಅಮ್ಮನ ಹತ್ರ ನೊಗಲಿ ಮೀನು ತಗೊಂಡೆ, ಬುಟ್ಟಿ ಇಳಿಸಿ ಕೂತು ಅಲ್ಲೇ ಸ್ವಚ್ಛ ಮಾಡಿ ಕೊಟ್ರು, ಅದಕ್ಕೆ ಬೇರೆ ಇಪ್ಪತ್ತು ರೂಪಾಯಿ. ಹೋಗುವಾಗ ಕೋಕಂ ಎರಡು ಬಾಟ್ಲಿ ನಮ್ಮ ನಾದಿನಿ ಮಾಡಿದ್ದು ತಗೊಂಡ್ರು. ಈ ಆಟೋ, ಮೀನು, ಕೋಕಂ ದುಡ್ಡು ಪೂರಾ ಇಲ್ಲೇ ಉಳೀತು. ಅದೇ ಜೋಡಿ ಹೊರಗಿನವ್ರ ರೆಸಾರ್ಟಲ್ಲಿ ಇಳಿದಿದ್ರೆ ಗೇಟಿಂದ ಹೊರಗೇ ಬರ್ತಿರ್ಲಿಲ್ಲ, ಮೀನು ಸಹ ಎಲ್ಲಿಂದಲೋ ಫ್ರೀಜರಲ್ಲಿ ಬರ್ತದೆ. ಹಂಗಾಗಿ ಎಷ್ಟು ಜನ ಬಂದ್ರು ಅನ್ನೋದಕ್ಕಿಂತ ಅವ್ರು ಕೊಟ್ಟ ನೂರು ರೂಪಾಯಲ್ಲಿ ಎಷ್ಟು ಊರಲ್ಲಿ ಉಳೀತು ಅನ್ನೋದನ್ನ ಕೇಳು ತಮ್ಮಾ.

ರೂಮ್ ತುಂಬೋದು ಎಷ್ಟು ದಿನ ಅಂದ್ರೆ, ಕಳೆದ ವರ್ಷ ಒಂದೊಂದು ರೂಮು ಸುಮಾರು 110 ರಾತ್ರಿ ಹೋಗಿದೆ. ಅಕ್ಟೋಬರ್ ಅರ್ಧದಿಂದ ಫೆಬ್ರವರಿ ತನಕ ಒಳ್ಳೇದು, ಶಿವರಾತ್ರಿಗೆ ಜಗಲಿ ಮೇಲೆ ಮಲಗ್ತೇವೆ ಅಂದ್ರೂ ಜಾಗ ಇರೂದಿಲ್ಲ, ಆಮೇಲೆ ಶನಿವಾರ ಭಾನುವಾರ ಮಾತ್ರ. ಮಳೆಗಾಲ ನಿಮ್ಮಪ್ಪ ಹೇಳಿದ್ದೇ ಸರಿ.

ಶರಾವತಿ ಬೋಟ್ ಬರೆದದ್ದು:

ಹೊನ್ನಾವರದಿಂದ. ನಮ್ಮದು ಶರಾವತಿ ಹೊಳೆಯಲ್ಲಿ ಬೋಟಿಂಗ್, ಕಾಂಡ್ಲಾ ಕಾಡು (ಉಪ್ಪುನೀರಲ್ಲಿ ಬೆಳೆಯೋ ಮ್ಯಾಂಗ್ರೋವ್) ತೋರಿಸ್ಕೊಂಡು ಬರೂದು. ಇಲ್ಲಿನ ಕಾಸರಕೋಡ ಬೀಚಿಗೆ 2020ರಲ್ಲಿ ಬ್ಲೂ ಫ್ಲ್ಯಾಗ್ (ಸ್ವಚ್ಛ, ಸುರಕ್ಷಿತ ಬೀಚಿಗೆ ಕೊಡೋ ಅಂತರರಾಷ್ಟ್ರೀಯ ಮಾನ್ಯತೆ) ಸಿಕ್ಕಿದ ಮೇಲೆ ಜನ ಹೆಚ್ಚಾದದ್ದು ಕಣ್ಣಾರೆ ಕಂಡಿದ್ದೇನೆ, 2023 ಜೂನ್ 11ಕ್ಕೆ ಹೆಂಗಸರಿಗೆ ಸರ್ಕಾರಿ ಬಸ್ ಫ್ರೀ ಆದ್ಮೇಲೆ ಇನ್ನೂ ಹೆಚ್ಚಾಯ್ತು, ಹಾವೇರಿ ಗದಗ ಕಡೆಯಿಂದ ಹತ್ತು ಹನ್ನೆರಡು ಹೆಂಗಸರ ಗುಂಪು ಬುತ್ತಿ ಕಟ್ಕೊಂಡು ಬರ್ತಾರೆ, ರೊಟ್ಟಿ ಚಟ್ನಿಪುಡಿ ನಮಗೂ ಕೊಡ್ತಾರೆ. ಸಮುದ್ರ ಮೊದಲನೇ ಸಲ ನೋಡೋರೂ ಇರ್ತಾರೆ, ಬೋಟಲ್ಲಿ ಕೂತು ಕೈ ನೀರಿಗೆ ಬಿಟ್ಟು ಸುಮ್ನೆ ಕೂರ್ತಾರೆ, ಅದನ್ನ ನೋಡಿದ್ರೆ ಈ ಕೆಲಸ ಬಿಡೋಕೆ ಮನಸ್ಸು ಬರೂದಿಲ್ಲ. ಅವ್ರು ರೂಮ್ ಮಾಡೂದಿಲ್ಲ, ಸಂಜೆ ಬಸ್ಸಿಗೆ ವಾಪಸ್. ಬೋಟಿಗೆ, ಎಳನೀರಿಗೆ, ಬಳೆ ಅಂಗಡಿಗೆ ದುಡ್ಡು ಬರ್ತದೆ, ಲಾಡ್ಜಿನವ್ರಿಗೆ ಇಲ್ಲ.

ಇನ್ನೊಂದು ಲೆಕ್ಕಕ್ಕೆ ಇಟ್ಕೊ. 2024 ಜುಲೈ 16ಕ್ಕೆ ಶಿರೂರಲ್ಲಿ ಗುಡ್ಡ ಕುಸಿದು ಹೈವೇ ಬಂದಾಯ್ತು, ಆಗಸ್ಟ್ 7ಕ್ಕೆ ಕಾರವಾರದಲ್ಲಿ ಕಾಳಿ ಹಳೇ ಸೇತುವೆ ಬಿತ್ತು, ಡಿಸೆಂಬರಲ್ಲಿ ಮುರ್ಡೇಶ್ವರದಲ್ಲಿ ನಾಕು ಜನ ಶಾಲೆ ಹೆಣ್ಮಕ್ಕಳು ನೀರು ಪಾಲಾದ್ರು. ಜೀವ ಹೋದದ್ದಕ್ಕೆ ಯಾವ ಲೆಕ್ಕವೂ ಇಲ್ಲ, ಆ ಮಕ್ಕಳ ಫೋಟೋ ನೋಡಿ ನಮ್ಮ ಮನೇಲಿ ಎರಡು ದಿನ ಊಟ ಸೇರ್ಲಿಲ್ಲ. ಬೀಚ್ ಮುಚ್ಚಿದ್ದು ಸರಿ. ಆದ್ರೆ ಅದೇ ವರ್ಷ ಲೋನ್ ಮಾಡಿದ್ದವ್ರ ಕಂತು ನಿಲ್ಲಲಿಲ್ಲ. ಲೈಫ್‌ಗಾರ್ಡ್ ಹೆಚ್ಚು ಮಾಡೂದೇ ಈ ಕರಾವಳಿಯ ಮೊದಲ ಟೂರಿಸಂ ಖರ್ಚಾಗಬೇಕು ಹೇಳಿ ನನ್ನ ಅನಿಸಿಕೆ, ಗೋಪುರ ಲೈಟಿಂಗ್ ಎಲ್ಲ ಆಮೇಲೆ.

ಕಾಳಿ ಸಂಗಮ ಬರೆದದ್ದು:

ಕಾರವಾರದವನು. ಅಣ್ಣ ಹೇಳಿದ್ದು ಅಷ್ಟು ತಳ್ಳಿಹಾಕೋದಲ್ಲ. ನಮ್ಮಿಂದ ಅರ್ಧ ಗಂಟೆಗೆ ಗೋವಾ ಗಡಿ, ಅಲ್ಲಿ 15 ಲಕ್ಷ ಜನಸಂಖ್ಯೆಗೆ 2024ರಲ್ಲಿ ಒಂದು ಕೋಟಿ ಹತ್ರ ದೇಶದೊಳಗಿನ ಪ್ರವಾಸಿಗರೇ ಬಂದಿದ್ದಾರೆ. ನನ್ನ ಜೊತೆ ಓದಿದ ಅರ್ಧ ಹುಡುಗ್ರು ಅಲ್ಲಿನ ಹೋಟೆಲಲ್ಲಿ ಕೆಲಸಕ್ಕಿದ್ದಾರೆ. ಇಲ್ಲಿ ರೂಮ್ ಇದ್ದಿದ್ರೆ ಅವ್ರು ಯಾಕೆ ಹೋಗ್ತಿದ್ರು? ಕಾರವಾರಕ್ಕೆ ಬಂದವ್ರು ಟಾಗೋರ್ ಬೀಚಲ್ಲಿ ಚಾಪಲ್ ಯುದ್ಧನೌಕೆ ಹತ್ತಿ ಇಳಿದು, ಇಸ್ವಾಣ ಮೀನು ತಿಂದು, ಸಂಜೆಗೆ ಸದಾಶಿವಗಡ ದಾಟಿ ಗೋವಾಕ್ಕೆ ಹೋಗ್ತಾರೆ. ಒಂದು ರಾತ್ರಿ ಸಹ ಉಳಿಯೂದಿಲ್ಲ. ಉಳಿಯದೆ ಹೋದವ್ರನ್ನ ಪ್ರವಾಸೋದ್ಯಮದ ವ್ಯಾಖ್ಯೆಯಲ್ಲಿ ಪ್ರವಾಸಿಗ ಅಂತಲೇ ಕರೆಯೋದಿಲ್ಲ, ದಿನದ ಭೇಟಿಗಾರ ಅಂತಾರೆ. ನಾವು ವರ್ಷಗಟ್ಟಲೆ ಬರೀ ದಾರಿಯಾಗಿ ಉಳಿದಿದ್ದೇವೆ, ನಂಗೆ ಅದೇ ಬೇಜಾರು.

ಕೋಟಿತೀರ್ಥ ಅಕ್ಕ ಬರೆದದ್ದು:

ನಿಮ್ಮ ಬೇಜಾರು ಅರ್ಥ ಆಗ್ತದೆ, ಆದ್ರೆ ಗೋವಾಕ್ಕೂ ವಿದೇಶಿಯರು 2019ರಲ್ಲಿ 9 ಲಕ್ಷದ ಮೇಲೆ ಇದ್ದವ್ರು 2024ರಲ್ಲಿ 5 ಲಕ್ಷದ ಒಳಗೆ ಇಳಿದಿದ್ದಾರೆ. ಮತ್ತೆ ದಾರಿಯಾಗಿ ಇರೂದೂ ಸಣ್ಣದಲ್ಲ. ಏಪ್ರಿಲಲ್ಲಿ ಕುಮಟಾ ಹತ್ರ ಹೈವೇ ಬದಿ ಸಿಹಿ ಈರುಳ್ಳಿ ಜಡೆ ಹೆಣೆದು ಸಾಲಾಗಿ ತೂಗಿಬಿಡ್ತಾರಲ್ಲ, ಒಂದೊಂದು ಕಾರು ನಿಂತು ಎರಡು ಮೂರು ಗೊಂಚಲು ಡಿಕ್ಕಿಗೆ ಹಾಕ್ಕೊಂಡು ಹೋಗ್ತದೆ. ಬೆಳೆದವ್ರ ಕೈಗೇ ನೋಟು. ಯಾವ ಕಮಿಷನ್ನೂ ಇಲ್ಲ. ಅವ್ರು ಯಾವ ಇಲಾಖೆಯ ಎಣಿಕೆಗೂ ಸಿಗದವ್ರು.

ಶಿರಸಿ ಮೇಷ್ಟ್ರು ಬರೆದದ್ದು:

ಅಕ್ಕ ಕೊಟ್ಟ ಲೆಕ್ಕ ಇಟ್ಟು ಒಂದು ಗುಣಾಕಾರ ಮಾಡಿದೆ. ಆರು ರೂಮು, ತಲಾ 110 ರಾತ್ರಿ, ಅಂದ್ರೆ 660. ರಾತ್ರಿಗೆ 840 ಉಳಿದ್ರೆ ವರ್ಷಕ್ಕೆ 5,54,400. ಈಗ ಸಾಲ. 40 ಲಕ್ಷಕ್ಕೆ 10 ಪರ್ಸೆಂಟ್ ಬಡ್ಡಿ, 15 ವರ್ಷ ಅಂದ್ಕೊಂಡ್ರೆ ತಿಂಗಳಿಗೆ ಸುಮಾರು 43,000 ಕಂತು, ವರ್ಷಕ್ಕೆ 5,16,000. ಕೈಯಲ್ಲಿ ಉಳಿಯೋದು 38,400. ತಿಂಗಳಿಗೆ 3,200 ರೂಪಾಯಿ. ಅದೂ ಗುಡ್ಡ ಕುಸಿಯದ, ಸೇತುವೆ ಬೀಳದ, ಕಾಯಿಲೆ ಬಾರದ ವರ್ಷದಲ್ಲಿ. ಹದಿನೆಂಟು ತೆಂಗಿನ ಮರದ ಕಾಯಿ ನಿಮ್ಮಪ್ಪನಿಗೆ ಈಗ ಎಷ್ಟು ಕೊಡ್ತದೆ ಕೇಳಿ ನೋಡು, ಅದಕ್ಕೆ ಕಂತಿಲ್ಲ.

ಇನ್ನೊಂದು, ನಿನ್ನ ಜಾಗ ಗಜನಿಗೆ ತಾಗಿಕೊಂಡಿದೆ ಅಂದೆ. ಸಿಆರ್‌ಝಡ್ (ಕರಾವಳಿ ನಿಯಂತ್ರಣ ವಲಯ) ನಿಯಮ ಬರೀ ಸಮುದ್ರದ ದಂಡೆಗಲ್ಲ, ಉಬ್ಬರದ ನೀರು ಬರೋ ಹೊಳೆ ದಂಡೆಗೂ ಇದೆ. ಇದ್ದ ಮನೆಯಲ್ಲೇ ಪಾಯದ ಅಳತೆ, ಹೊರರೂಪ ಬದಲಿಸದೆ ಸ್ಥಳೀಯರು ಹೋಮ್‌ಸ್ಟೇ ಮಾಡೋದಕ್ಕೆ 2019ರ ಅಧಿಸೂಚನೆಯಲ್ಲಿ ಅವಕಾಶ ಕೊಟ್ಟಿದ್ದಾರೆ, ಹೊಸ ಕಟ್ಟಡ ಬೇರೆ ಮಾತು. ಮರ ಕಡಿಯೋ ಮೊದಲು ಕಾಗದಪತ್ರ ತೋರಿಸಿ ಕೇಳ್ಕೊಂಡು ಬಾ.

ತದಡಿ ರಸ್ತೆ ಬರೆದದ್ದು:

ಎಲ್ರಿಗೂ ತುಂಬಾ ಥ್ಯಾಂಕ್ಸ್. 3,200 ನೋಡಿ ತಲೆ ತಿರುಗ್ತು. ಅಣ್ಣನಿಗೆ ಈ ಥ್ರೆಡ್ಡೇ ಕಳ್ಸಿದೆ, ಒಂದು ಗಂಟೆ ಏನೂ ಹೇಳ್ಲಿಲ್ಲ, ಆಮೇಲೆ 110ರ ಬದಲು 200 ರಾತ್ರಿ ಹಾಕಿ ನೋಡು ಅಂದ. ಹಾಕಿದೆ, ಆಗ ಲೆಕ್ಕ ಚೆನ್ನಾಗೇ ಬರ್ತದೆ, ಆದ್ರೆ ಆ 200 ರಾತ್ರಿ ತರೋದು ಹೆಂಗೆ ಅಂದ್ರೆ ಅವನಿಗೂ ಗೊತ್ತಿಲ್ಲ.

ಈಗ ನಂಗೆ ಕಾಣೂದು, ಮನೆಯ ಉತ್ತರದ ಬದಿ ಅಜ್ಜಿ ಇದ್ದ ಎರಡು ಕೋಣೆ ಖಾಲಿ ಇವೆ, ಭತ್ತದ ಮೂಟೆ ಇಟ್ಟಿದ್ದೇವೆ. ಅದನ್ನೇ ಸರಿ ಮಾಡಿ, ಬಾತ್‌ರೂಮ್ ಒಂದು ಒಳಗೇ ಮಾಡಿ, ಸಾಲ ಇಲ್ಲದೆ ನಾಕೈದು ಲಕ್ಷದಲ್ಲಿ ಶುರು ಮಾಡಿದ್ರೆ ಹೆಂಗೆ? ಮರ ಹಂಗೇ ಇರ್ಲಿ. ಅಮ್ಮ ಕಗ್ಗ ಅಕ್ಕಿ (ಗಜನಿಯಲ್ಲಿ ಬೆಳೆಯೋ ಭತ್ತದ್ದು) ಗಂಜಿ, ಬಳಚಿನ (ಚಿಪ್ಪುಮೀನಿನ) ಸುಕ್ಕ ಚೆನ್ನಾಗಿ ಮಾಡ್ತಾಳೆ, ಬಂದವ್ರಿಗೆ ಅದನ್ನೇ ಹಾಕ್ವ ಹೇಳಿ ಅವಳಿಗೆ ಈಗಲೇ ಹುರುಪು. ಅಕ್ಕಾ, ಈ ಭಾನುವಾರ ಬಂದು ನಿಮ್ಮ ರೂಮು, ಆ ನೋಟ್‌ಬುಕ್ಕು ಒಂದ್ಸಲ ನೋಡ್ಬಹುದಾ? ಅಪ್ಪನನ್ನೂ ಕರ್ಕೊಂಡು ಬರ್ತೆ.

ಕೋಟಿತೀರ್ಥ ಅಕ್ಕ ಬರೆದದ್ದು:

ಭಾನುವಾರ ಬೇಡ ತಮ್ಮಾ, ಅವತ್ತು ನಾಕೂ ರೂಮ್ ಖಾಲಿ ಆಗೋ ದಿನ, ಚಾದರ ಒಗೆದು ಒಣಗಿಸೋದ್ರಲ್ಲೇ ಸಂಜೆ ಆಗ್ತದೆ. ಮಂಗಳವಾರ ಹತ್ತು ಗಂಟೆ ಮೇಲೆ ಬನ್ನಿ, ನೋಟ್‌ಬುಕ್ ಏಳು ವರ್ಷದ್ದೂ ತೆಗೆದಿಡ್ತೆ. ಅಪ್ಪ ಅವ್ರನ್ನ ಖಂಡಿತ ಕರ್ಕೊಂಡು ಬಾ, ಮಳೆಗಾಲದ ಪುಟ ಅವ್ರಿಗೇ ಮೊದ್ಲು ತೋರಿಸ್ತೆ.