ಚೆನ್ನಾಗಿದ್ದ ಕ್ಯಾಸಿನಿಯನ್ನು ಶನಿಯೊಳಗೆ ಯಾಕೆ ಬೀಳಿಸಿದರು?

ಪ್ರಶ್ನೆ (ಹೈಸ್ಕೂಲ್ ಮೇಷ್ಟ್ರು): ಮೇಡಂ, ನಮಸ್ತೆ. ಒಂಬತ್ತನೇ ಕ್ಲಾಸಿಗೆ ಶನಿ ಗ್ರಹದ ವಿಷಯ ಹೇಳುತ್ತಿದ್ದೆ. 13 ವರ್ಷ ಅದನ್ನು ಸುತ್ತಿದ ಕ್ಯಾಸಿನಿ ನೌಕೆಯನ್ನು ಕೊನೆಗೆ ಬೇಕಂತಲೇ ಶನಿಯೊಳಗೆ ಬೀಳಿಸಿದರು ಅಂದೆ. ಒಬ್ಬ ಹುಡುಗಿ ಎದ್ದು, "ಪಾಪ, ಯಾಕೆ ಸರ್? ಕೆಲಸ ಮಾಡ್ತಾ ಇತ್ತಲ್ವಾ?" ಅಂದಳು. ಇಂಧನ ಮುಗಿಯುತ್ತಾ ಬಂದಿತ್ತು ಅಂದೆ. "ಮುಗಿದರೆ ಮುಗೀಲಿ, ಸುಮ್ನೆ ಸುತ್ತುತ್ತಾ ಇರಲಿ" ಅಂದಳು. ನನಗೆ ಉತ್ತರ ಹೊಳೆಯಲಿಲ್ಲ. ನೀವು ನೌಕೆಗಳ ದಾರಿ ಲೆಕ್ಕ ಹಾಕುವವರು, ಸ್ವಲ್ಪ ಬಿಡಿಸಿ ಹೇಳ್ತೀರಾ?

ಉತ್ತರ: ಸರ್, ಆ ಹುಡುಗಿಯ ಪ್ರಶ್ನೆ ತುಂಬಾ ಒಳ್ಳೆಯದು. "ಸುಮ್ನೆ ಸುತ್ತುತ್ತಾ ಇರಲಿ" ಅನ್ನುವುದೇ ಅಲ್ಲಿ ಆಗದ ಮಾತು. ಶನಿಯ ಸುತ್ತ ನೂರಕ್ಕೂ ಹೆಚ್ಚು ಚಂದ್ರರಿದ್ದಾರೆ. ಒಂದೊಂದೂ ನೌಕೆಯನ್ನು ಅಷ್ಟಿಷ್ಟು ಎಳೆಯುತ್ತದೆ. ಇಂಧನ ಇದ್ದರೆ ಆಗಾಗ ದಾರಿ ಸರಿಮಾಡಬಹುದು. ಇಲ್ಲದಿದ್ದರೆ, ಇನ್ನು ಐವತ್ತು ವರ್ಷಕ್ಕೆ ನೌಕೆ ಎಲ್ಲಿರುತ್ತದೆ ಅಂತ ಯಾರೂ ಗ್ಯಾರಂಟಿ ಕೊಡಲಾರರು. ಒಂದು ದಿನ ಯಾವುದೋ ಚಂದ್ರನಿಗೆ ಹೋಗಿ ಬಡಿಯಬಹುದು.

ಬಡಿದರೆ ಏನಾಯಿತು ಅಂತ ಕೇಳಬಹುದು. ಆ ಚಂದ್ರ ಎನ್ಸೆಲಾಡಸ್ ಆಗಿದ್ದರೆ ಎಂಬುದೇ ಎಲ್ಲರ ಭಯ. 1997ರಲ್ಲಿ ಕ್ಯಾಸಿನಿ ಹೊರಟಾಗ ಅದರ ಬಗ್ಗೆ ನಮಗೆ ಹೆಚ್ಚು ಗೊತ್ತಿರಲಿಲ್ಲ. ಅಡ್ಡಗಲ ಬರೀ 504 ಕಿ.ಮೀ. ಅಂದರೆ ಬೆಂಗಳೂರಿನಿಂದ ಹೈದರಾಬಾದಿಗೆ ನೇರ ಗೆರೆ ಎಳೆದಷ್ಟು. ಮೈತುಂಬಾ ಬಿಳಿ ಮಂಜುಗಡ್ಡೆ. 2005ರಲ್ಲಿ ಕ್ಯಾಸಿನಿ ಹತ್ತಿರ ಹೋದಾಗ, ಮೊದಲು ಸುಳಿವು ಕೊಟ್ಟದ್ದು ಕ್ಯಾಮೆರಾ ಅಲ್ಲ, ಕಾಂತಕ್ಷೇತ್ರ ಅಳೆಯುವ ಉಪಕರಣ. ಶನಿಯ ಕಾಂತಕ್ಷೇತ್ರ ಆ ಪುಟ್ಟ ಚಂದ್ರನ ಬಳಿ ಏನಕ್ಕೋ ತಡೆದು ಬಗ್ಗಿದಂತೆ ಕಂಡಿತು. ಇನ್ನೂ ಹತ್ತಿರ ಹೋಗೋಣ ಅಂತ ತೀರ್ಮಾನಿಸಿ, ಜುಲೈನಲ್ಲಿ 173 ಕಿ.ಮೀ. ಎತ್ತರದಲ್ಲಿ ಹಾದುಹೋದರು. ದಕ್ಷಿಣ ಧ್ರುವದಲ್ಲಿ ನಾಲ್ಕು ಉದ್ದನೆಯ ಸೀಳುಗಳಿದ್ದವು, ಸುತ್ತಲಿಗಿಂತ ಬೆಚ್ಚಗಿದ್ದವು. ಆ ಸೀಳುಗಳಿಂದ ನೀರಾವಿ, ಮಂಜಿನ ಹುಡಿ ಕಾರಂಜಿಯ ಹಾಗೆ ಚಿಮ್ಮುತ್ತಿತ್ತು!

ಆಮೇಲೆ ಕ್ಯಾಸಿನಿ ಆ ಕಾರಂಜಿಯೊಳಗೇ ಹಲವು ಸಲ ನುಗ್ಗಿ ಬಂತು. 2015ರ ಅಕ್ಟೋಬರಿನಲ್ಲಿ ಬರೀ 49 ಕಿ.ಮೀ. ಎತ್ತರದಲ್ಲಿ. ಸಿಕ್ಕಿದ್ದೇನು? ಉಪ್ಪು, ಇಂಗಾಲದ ಸಂಯುಕ್ತಗಳು, ಬಿಸಿನೀರು ಕಲ್ಲಿಗೆ ತಾಗಿದಲ್ಲಿ ಹುಟ್ಟುವಂಥ ಸಿಲಿಕಾ ಕಣಗಳು, ಹೈಡ್ರೋಜನ್. ಮಂಜಿನ ಕೆಳಗೆ ಉಪ್ಪುನೀರಿನ ಸಮುದ್ರ ಇದೆ, ಅದರ ತಳ ಬೆಚ್ಚಗಿದೆ ಅಂತ ಇದರರ್ಥ. ನಮ್ಮ ಸಮುದ್ರಗಳ ತಳದಲ್ಲೂ ಇಂಥ ಜಾಗಗಳಿವೆ. ಬಿಸಿಲೇ ಬೀಳದ ಕಡೆ ಹೈಡ್ರೋಜನ್ ತಿಂದು ಬದುಕುವ ಸೂಕ್ಷ್ಮಜೀವಿಗಳು ಅಲ್ಲಿವೆ.

ಹಾಗಂತ ಎನ್ಸೆಲಾಡಸ್‌ನಲ್ಲಿ ಜೀವ ಸಿಕ್ಕಿಲ್ಲ. ಇರಬಹುದಾದ ಜಾಗ ಸಿಕ್ಕಿದೆ. ನೌಕೆಗೆ ಅಂಟಿಕೊಂಡು ಹೋದ ಭೂಮಿಯ ಬ್ಯಾಕ್ಟೀರಿಯಾದಿಂದ ಆ ಜಾಗವನ್ನು ನಮ್ಮ ಕೈಯಾರೆ ಕೆಡಿಸಬಾರದು ಅಂತಲೇ ನೌಕೆಯನ್ನು ಶನಿಯಲ್ಲಿ ಸುಟ್ಟರು.

ಪ್ರಶ್ನೆ (ನರ್ಸಿಂಗ್ ವಿದ್ಯಾರ್ಥಿನಿ): ಮೇಡಂ, 20 ವರ್ಷ ಗಾಳಿಯಿಲ್ಲದ ಚಳಿಯಲ್ಲಿದ್ದ ನೌಕೆ ಮೇಲೆ ಬ್ಯಾಕ್ಟೀರಿಯಾ ಇನ್ನೂ ಬದುಕಿರುತ್ತಾ?

ಉತ್ತರ: ಎಲ್ಲವೂ ಬದುಕುವುದಿಲ್ಲ ಅಮ್ಮ. ಆದರೆ ಆಸ್ಪತ್ರೆ ಸಲಕರಣೆಗಳ ರೋಗಾಣು ಕೊಲ್ಲುವ ನಿಮ್ಮ ಆಟೋಕ್ಲೇವ್ ನೆನಪಿಸಿಕೊಳ್ಳಿ. ಬರೀ ಕುದಿಸಿದರೆ ಸಾಲದು, ಒತ್ತಡದಲ್ಲಿ 121 ಡಿಗ್ರಿಗೆ ಏರಿಸಬೇಕು, ಅಲ್ವಾ? ಕೆಲವು ಬ್ಯಾಕ್ಟೀರಿಯಾ ಗಟ್ಟಿ ಚಿಪ್ಪಿನೊಳಗೆ ಸ್ಪೋರ್ ಆಗಿ ಮಲಗಿಬಿಡುತ್ತವೆ, ಅದಕ್ಕೇ. ಇಂಥ ಸ್ಪೋರ್‌ಗಳನ್ನು 1984ರಲ್ಲಿ ಒಂದು ಉಪಗ್ರಹದಲ್ಲಿಟ್ಟು ಸುಮಾರು 6 ವರ್ಷ ಬಾಹ್ಯಾಕಾಶದಲ್ಲಿ ಬಿಟ್ಟಿದ್ದರು. ಬಿಸಿಲು ತಾಗದಂತೆ ಮುಚ್ಚಿಟ್ಟವುಗಳಲ್ಲಿ ಎಷ್ಟೋ ಎದ್ದು ಬೆಳೆದವು. ಕ್ಯಾಸಿನಿಯ ಒಳಗೆ ಬಿಸಿಲು ತಾಗದ ಮೂಲೆಗಳು ಬೇಕಾದಷ್ಟು.

ಇನ್ನೊಂದು ಮಾತು. ಶನಿಯ ಬಳಿ ಬಿಸಿಲು ಇಲ್ಲಿನ ನೂರರಲ್ಲಿ ಒಂದು ಪಾಲು. ಹಾಗಾಗಿ ಕ್ಯಾಸಿನಿಗೆ ಕರೆಂಟು ಬರುತ್ತಿದ್ದದ್ದು ಪ್ಲುಟೋನಿಯಂ ಶಾಖದಿಂದ. ಆ ಶಾಖ ದಶಕಗಟ್ಟಲೆ ಆರುವುದಿಲ್ಲ. ಅದು ಮಂಜಿನ ಮೇಲೆ ಬಿದ್ದರೆ ಸುತ್ತಲೂ ಕರಗಿಸಿಕೊಂಡು ಕೂರಬಹುದು. ಮಲಗಿದ ಬ್ಯಾಕ್ಟೀರಿಯಾ, ಪಕ್ಕದಲ್ಲೇ ಬೆಚ್ಚನೆಯ ನೀರು. ಯೋಚಿಸಿ ನೋಡಿ.

ಪ್ರಶ್ನೆ (ವೈರಿಂಗ್ ಕೆಲಸದವರು): ಅಷ್ಟು ದೂರದ ಚಳಿಯಲ್ಲಿ ಆ ಚಂದ್ರನ ಒಳಗೆ ಬಿಸಿ ಎಲ್ಲಿಂದ ಬಂತು ಮೇಡಂ?

ಉತ್ತರ: ನಿಮಗೆ ಇದು ಕೈಯಿಂದಲೇ ಗೊತ್ತಾಗುತ್ತದೆ ಅಣ್ಣ. ಒಂದು ತುಂಡು ದಪ್ಪ ತಂತಿ ತಗೊಂಡು ಒಂದೇ ಜಾಗದಲ್ಲಿ ಹತ್ತಿಪ್ಪತ್ತು ಸಲ ಬೇಗಬೇಗ ಬಗ್ಗಿಸಿ. ಬಗ್ಗಿಸಿದ ಜಾಗ ಮುಟ್ಟಿ ನೋಡಿ, ಬಿಸಿಯಾಗಿರುತ್ತದೆ. ಎನ್ಸೆಲಾಡಸ್ 33 ಗಂಟೆಗೊಮ್ಮೆ ಶನಿಯನ್ನು ಸುತ್ತುತ್ತದೆ. ಆ ದಾರಿ ಪೂರ್ತಿ ದುಂಡಗಿಲ್ಲ. ಡಯೋನೆ ಅನ್ನುವ ಇನ್ನೊಬ್ಬ ಚಂದ್ರನ ಎಳೆತ ಅದನ್ನು ದುಂಡಗಾಗಲು ಬಿಡುವುದಿಲ್ಲ. ಹತ್ತಿರ ಬಂದಾಗ ಶನಿ ಜಾಸ್ತಿ ಹಿಂಡುತ್ತದೆ, ದೂರ ಹೋದಾಗ ಸಡಿಲ ಬಿಡುತ್ತದೆ. ಪ್ರತಿ 33 ಗಂಟೆಗೂ ಇದೇ. ತಂತಿ ಬಗ್ಗಿದ ಹಾಗೇ.

ಪ್ರಶ್ನೆ (ಹೈಸ್ಕೂಲ್ ಮೇಷ್ಟ್ರು): ಇಂಧನ ಇಲ್ಲದೆ ಅದನ್ನು ಸರಿಯಾಗಿ ಶನಿಯೊಳಗೇ ಹೇಗೆ ಬೀಳಿಸಿದರು?

ಉತ್ತರ: ಇದು ನನ್ನ ಕಸುಬಿನ ಪ್ರಶ್ನೆ, ಹಾಗಾಗಿ ಖುಷಿಯಿಂದ ಹೇಳ್ತೀನಿ. ಚೂರು ಇಂಧನ ಉಳಿದಿತ್ತು. ಆದರೆ ದೊಡ್ಡ ತಿರುವುಗಳನ್ನೆಲ್ಲ ಕೊಟ್ಟದ್ದು ಟೈಟನ್. ಅದು ಶನಿಯ ಅತಿ ದೊಡ್ಡ ಚಂದ್ರ, ಬುಧ ಗ್ರಹಕ್ಕಿಂತ ದೊಡ್ಡದು. ಅದರ ಯಾವ ಬದಿಯಿಂದ, ಎಷ್ಟು ಎತ್ತರದಲ್ಲಿ ಹಾದುಹೋದರೆ ನೌಕೆ ಎತ್ತ ತಿರುಗುತ್ತದೆ ಅಂತ ಮೊದಲೇ ಲೆಕ್ಕ ಹಾಕುತ್ತಾರೆ. ಕ್ಯಾಸಿನಿ ಹೀಗೆ 127 ಸಲ ಟೈಟನ್ ಹತ್ತಿರ ಹಾದುಹೋಗಿದೆ. 2017ರ ಏಪ್ರಿಲ್ 22ರ ಕೊನೆಯ ತಿರುವು ಅದನ್ನು ಶನಿಗೂ ಉಂಗುರಗಳಿಗೂ ನಡುವಿನ ಸಂದಿಗೆ ಕಳಿಸಿತು. ಆ ಸಂದಿಯಲ್ಲಿ ಅದುವರೆಗೆ ಯಾವ ನೌಕೆಯೂ ಹೋಗಿರಲಿಲ್ಲ. ಧೂಳು ಬಡಿದೀತು ಅಂತ ಮೊದಲ ಸಲ ದೊಡ್ಡ ಆಂಟೆನಾವನ್ನೇ ಗುರಾಣಿಯ ಹಾಗೆ ಮುಂದಕ್ಕೆ ತಿರುಗಿಸಿದ್ದರು. ನೋಡಿದರೆ ಧೂಳು ಹೆಚ್ಚುಕಮ್ಮಿ ಇರಲೇ ಇಲ್ಲ. 22 ಸುತ್ತು ಹಾಕಿ, ಸೆಪ್ಟೆಂಬರ್ 15ರಂದು ಶನಿಯೊಳಗೆ ಇಳಿಯಿತು.

ಕೊನೆಯ ಸಿಗ್ನಲ್ ಬಂದಾಗ ನಮ್ಮಲ್ಲಿ ಸಂಜೆ 5 ಗಂಟೆ 25 ನಿಮಿಷ. ಆಫೀಸಿನಲ್ಲಿ ನಾವು ಐದಾರು ಜನ ಒಂದೇ ಸ್ಕ್ರೀನ್ ಮುಂದೆ ಕೂತಿದ್ದೆವು. ಹಸಿರು ಗೆರೆಯೊಂದು ನೆಟ್ಟಗೆ ನಿಂತಿತ್ತು. ಸ್ವಲ್ಪ ನಡುಗಿತು, ಆಮೇಲೆ ಇಲ್ಲವಾಯಿತು. ಸಿಗ್ನಲ್ ಭೂಮಿಗೆ ಬರಲು 83 ನಿಮಿಷ ಬೇಕು. ಅಂದರೆ ನಾವು ಆ ಗೆರೆ ನೋಡುವಾಗಲೇ ನೌಕೆ ಸುಟ್ಟು ಒಂದು ಗಂಟೆಗೂ ಮೇಲಾಗಿತ್ತು. ಕೊನೆಯವರೆಗೂ ಅದು ಆಂಟೆನಾವನ್ನು ಭೂಮಿಯ ಕಡೆಗೇ ಇಡಲು ತನ್ನ ಪುಟ್ಟ ಎಂಜಿನ್‌ಗಳನ್ನು ಪೂರ್ತಿ ಉರಿಸುತ್ತಿತ್ತು, ಶನಿಯ ಗಾಳಿಯ ವಿವರ ಕಳಿಸುತ್ತಿತ್ತು. ಆ ಹುಡುಗಿ "ಪಾಪ" ಅಂದಳಲ್ಲ, ನನಗೂ ಆವತ್ತು ಹಾಗೇ ಅನ್ನಿಸಿತ್ತು.

ಪ್ರಶ್ನೆ (ಹೈಸ್ಕೂಲ್ ಮೇಷ್ಟ್ರು): ತುಂಬಾ ಥ್ಯಾಂಕ್ಸ್ ಮೇಡಂ. ಹಾಗಾದರೆ ಮುಂದೆ ಹೋಗುವ ಎಲ್ಲ ನೌಕೆಗಳಿಗೂ ಇದೇ ಗತಿಯಾ?

ಉತ್ತರ: ಎಲ್ಲಕ್ಕೂ ಅಲ್ಲ ಸರ್. ಗುರುವಿನ ಸುತ್ತ ಇದ್ದ ಗೆಲಿಲಿಯೋವನ್ನು 2003ರಲ್ಲಿ ಹೀಗೇ ಗುರುವಿನೊಳಗೆ ಬೀಳಿಸಿದರು, ಯೂರೋಪಾ ಚಂದ್ರನನ್ನು ಕಾಪಾಡಲು. ಆದರೆ 2023ರಲ್ಲಿ ಹೊರಟ, ಯುರೋಪ್ ಖಂಡದ ದೇಶಗಳ ಜ್ಯೂಸ್ ನೌಕೆಯನ್ನು ಕೊನೆಗೆ ಗುರುವಿನ ಇನ್ನೊಂದು ಚಂದ್ರ ಗ್ಯಾನಿಮೀಡ್ ಮೇಲೇ ಬೀಳಿಸುವ ಯೋಜನೆ ಇದೆ. ಅಲ್ಲೂ ಒಳಗೆ ಸಮುದ್ರ ಇದೆ, ಆದರೆ ಮೇಲಿನ ಮಂಜು ಬಹಳ ದಪ್ಪ. ಮೇಲೆ ಬಿದ್ದದ್ದು ನೀರಿಗೆ ತಲುಪುವುದು ಕಷ್ಟ. ಎನ್ಸೆಲಾಡಸ್‌ನಲ್ಲಿ ಆ ಮಾತು ಹೇಳುವ ಹಾಗಿಲ್ಲ. ದಕ್ಷಿಣ ಧ್ರುವದಲ್ಲಿ ಮಂಜು ತೆಳು, ಸೀಳುಗಳು ಬಾಯಿ ತೆರೆದೇ ಇವೆ.