ಪದಚರ್ಚೆ: ಲೈನ್‌ಬ್ಯಾಕರ್‌ಗೆ ಏನನ್ನೋಣ? ಟ್ಯಾಕಲ್‌ಗೆ? (ಸ್ಯಾಮ್ ಮಿಲ್ಸ್ ಬಗ್ಗೆ ಬರೆಯುವಾಗ ಎದ್ದ ಪ್ರಶ್ನೆಗಳು)

ಗೆಳೆಯರಿಗೆ ನಮಸ್ಕಾರ,

ಸ್ಯಾಮ್ ಮಿಲ್ಸ್ ಅನ್ನುವ ಅಮೆರಿಕನ್ ಫುಟ್‌ಬಾಲ್ ಆಟಗಾರರ ಬಗ್ಗೆ ಒಂದು ಲೇಖನ ಬರೆಯುತ್ತಿದ್ದೇನೆ. ಓದುವವರು ಕ್ರಿಕೆಟ್, ಕಬಡ್ಡಿ, ಹಾಕಿ ಚೆನ್ನಾಗಿ ಬಲ್ಲವರು. ಅಮೆರಿಕದ ಫುಟ್‌ಬಾಲ್ ಅಂದರೆ ಹೆಲ್ಮೆಟ್ಟು, ಚೂಪು ತುದಿಯ ಚೆಂಡು, ಗುದ್ದಾಟ ಅಂತ ಮಾತ್ರ ಗೊತ್ತಿರುವವರು. ಬರೆಯಲು ಕೂತರೆ ಕೆಲವು ಪದಗಳ ಹತ್ತಿರ ಕೈ ನಿಂತುಬಿಡುತ್ತಿದೆ. ಬರೀ ಪದಗಳ ಪಟ್ಟಿ ಕಳಿಸಿದರೆ ನಿಘಂಟಿನ ಉತ್ತರ ಸಿಗುತ್ತದೆ, ನನಗೆ ಅದು ಸಾಲದು. ಹಾಗಾಗಿ ಅವರ ಕತೆ ಹೇಳುತ್ತಲೇ ಕೇಳುತ್ತೇನೆ.

ಮೊದಲನೆಯದು ಅವರು ಆಡುತ್ತಿದ್ದ ಜಾಗದ ಹೆಸರು. ಲೈನ್‌ಬ್ಯಾಕರ್. ಇದನ್ನು ‘ರೇಖಾರಕ್ಷಕ’ ಅಂತ ಮಾಡಿದರೆ ಅರ್ಥವೇ ಕೆಡುತ್ತದೆ. ಇಲ್ಲಿ ಲೈನ್ ಅಂದರೆ ಮೈದಾನದ ಮೇಲಿನ ಗೆರೆಯಲ್ಲ, ಆಟಗಾರರ ಸಾಲು. ಚೆಂಡು ಇಟ್ಟ ಜಾಗದಲ್ಲಿ ಎರಡೂ ತಂಡದ ಭಾರೀ ಆಳುಗಳು ಎದುರುಬದುರಾಗಿ ನೆಲಕ್ಕೆ ಕೈ ಊರಿ ಬಗ್ಗಿರುತ್ತಾರಲ್ಲ, ಅದೇ ಆ ಸಾಲು. ಲೈನ್‌ಬ್ಯಾಕರ್ ತನ್ನ ಕಡೆಯ ಸಾಲಿನ ಹಿಂದೆ, ಕೆಲವೇ ಗಜ ದೂರದಲ್ಲಿ ನಿಂತಿರುತ್ತಾನೆ. ಎದುರಾಳಿ ಚೆಂಡು ಹಿಡಿದು ಓಡಿದರೆ ಇವನು ಮುಂದೆ ನುಗ್ಗಬೇಕು. ಚೆಂಡು ಎಸೆಯುವ ಸೂಚನೆ ಕಂಡರೆ ಹಿಂದೆ ಸರಿದು, ಹಿಡಿಯಲು ಬರುವವನ ಬೆನ್ನು ಹತ್ತಬೇಕು. ಯಾವುದು ಅಂತ ತೀರ್ಮಾನ ಮಾಡಲು ಸಿಗುವುದು ರೆಪ್ಪೆ ಬಡಿಯುವಷ್ಟು ಹೊತ್ತು.

ನನಗೆ ಹೊಳೆದ ಒಂದು ಪದ ‘ಬೆಂಗಾವಲಿಗ’. ಬೆನ್ನು ಮತ್ತು ಕಾವಲು ಸೇರಿ ಬೆಂಗಾವಲು. ಸಾಲಿನ ಬೆನ್ನಿಗೆ ನಿಂತು ಕಾಯುವವನು ಅನ್ನುವ ಅರ್ಥ ಸರಿಯಾಗಿಯೇ ಕೂರುತ್ತದೆ. ‘ಬೆಂಬಲಿಗ’ವೂ ಅದೇ ಬೆನ್ನಿನಿಂದ ಬಂದದ್ದು, ಆದರೆ ಅದು ಈಗ ರಾಜಕೀಯದ ಪಾಲಾಗಿದೆ. ಬೆಂಗಾವಲಿಗೂ ತೊಂದರೆ ಇಲ್ಲದೆ ಇಲ್ಲ. ಕೇಳಿದ ಕೂಡಲೇ ಮಂತ್ರಿಗಳ ಕಾರಿನ ಹಿಂದೆ ಓಡುವ ಪೊಲೀಸ್ ಜೀಪು ಕಣ್ಣಿಗೆ ಬರುತ್ತದೆ. ಜೊತೆಗೆ ಈ ಆಟಗಾರ ಬರೀ ಕಾಯುವವನಲ್ಲ. ಹತ್ತು ಜನ ಜೊತೆಗಾರರಿಗೆ ‘ನೀನು ಆ ಕಡೆ, ನೀನು ಈ ಕಡೆ’ ಅಂತ ಕೂಗಿ ಹೇಳುವವನು, ಆಮೇಲೆ ತಾನೇ ಹೋಗಿ ಡಿಕ್ಕಿ ಹೊಡೆಯುವವನು. ಹಳೆಯ ಹಾಕಿ ಆಟಗಾರರು ‘ಸೆಂಟರ್ ಹಾಫ್’ ಅನ್ನುತ್ತಿದ್ದರಲ್ಲ, ಆ ಜಾಗಕ್ಕೆ ಇದು ಹತ್ತಿರ. ನಮ್ಮವರು ಅದನ್ನು ಸೆಂಟರ್ ಹಾಫ್ ಅಂತಲೇ ಉಳಿಸಿಕೊಂಡರು, ಯಾರಿಗೂ ಕಷ್ಟವಾಗಲಿಲ್ಲ. ಬ್ಯಾಟ್ಸ್‌ಮನ್‌ಗೆ ಮಾತ್ರ ‘ದಾಂಡಿಗ’ ಬಂದು ಗಟ್ಟಿಯಾಗಿ ನಿಂತಿತು. ಯಾಕೆ ಒಂದು ನಿಲ್ಲುತ್ತದೆ, ಇನ್ನೊಂದು ಬೇಕೇ ಆಗುವುದಿಲ್ಲ ಅನ್ನುವುದೇ ಒಂದು ದೊಡ್ಡ ಚರ್ಚೆ. ಸದ್ಯಕ್ಕೆ ನನ್ನ ಅಭಿಪ್ರಾಯ ಇದು: ಜಾಗದ ಹೆಸರು ಲೈನ್‌ಬ್ಯಾಕರ್ ಅಂತಲೇ ಇರಲಿ, ಆದರೆ ಆ ಜಾಗದಲ್ಲಿ ನಿಂತವನು ಮಾಡುವ ಕೆಲಸಕ್ಕೆಲ್ಲ ಕನ್ನಡದ ಕ್ರಿಯಾಪದ ಬೇಕು. ಆಟ ಕಣ್ಣಿಗೆ ಕಟ್ಟುವುದು ಕ್ರಿಯಾಪದದಿಂದ.

ಈಗ ಮಿಲ್ಸ್ ಅವರ ವಿಷಯ. ಹುಟ್ಟಿದ್ದು 1959ರಲ್ಲಿ, ನ್ಯೂ ಜೆರ್ಸಿ ರಾಜ್ಯದ ನೆಪ್ಚೂನ್‌ನಲ್ಲಿ. ಓದಿದ್ದು ಮಾಂಟ್‌ಕ್ಲೇರ್ ಸ್ಟೇಟ್‌ನಲ್ಲಿ. ಫುಟ್‌ಬಾಲ್‌ನ ದೊಡ್ಡ ಕಾಲೇಜುಗಳ ಸಾಲಿಗೆ ಸೇರದ ಕಾಲೇಜು ಅದು. ಎತ್ತರ 5 ಅಡಿ 9 ಇಂಚು. ನಮಗೆ ಅದೇನು ಕಡಿಮೆ ಅನ್ನಿಸುವುದಿಲ್ಲ, ಆದರೆ ಆ ಆಟದಲ್ಲಿ ಈ ಜಾಗಕ್ಕೆ 6 ಅಡಿ ದಾಟಿದವರನ್ನೇ ಹುಡುಕುತ್ತಾರೆ. 1981ರ ಡ್ರಾಫ್ಟಿನಲ್ಲಿ ಎನ್‌ಎಫ್‌ಎಲ್‌ನ, ಅಂದರೆ ಅಮೆರಿಕದ ದೊಡ್ಡ ವೃತ್ತಿಪರ ಲೀಗ್‌ನ, 28 ತಂಡಗಳು 12 ಸುತ್ತು ಆಟಗಾರರನ್ನು ಆರಿಸಿದವು. ಮುನ್ನೂರಕ್ಕೂ ಹೆಚ್ಚು ಹೆಸರುಗಳಲ್ಲಿ ಮಿಲ್ಸ್ ಹೆಸರು ಇರಲಿಲ್ಲ.

ಡ್ರಾಫ್ಟ್ ಅನ್ನುವುದಕ್ಕೆ ‘ಹರಾಜು’ ಬಳಸಬಾರದು ಅಂತ ನನ್ನ ಮನವಿ. ಐಪಿಎಲ್ ನೋಡಿ ನೋಡಿ ನಮಗೆ ಅದೇ ಬಾಯಿಗೆ ಬರುತ್ತದೆ. ಹರಾಜಿನಲ್ಲಿ ದುಡ್ಡು ಕೂಗುತ್ತಾರೆ. ಇಲ್ಲಿ ದುಡ್ಡಿನ ಕೂಗಾಟ ಇಲ್ಲ, ಸರದಿ ಪ್ರಕಾರ ಒಂದೊಂದು ತಂಡ ಒಬ್ಬೊಬ್ಬರನ್ನು ಆರಿಸಿಕೊಳ್ಳುತ್ತದೆ, ಅಷ್ಟೇ. ‘ಯಾರೂ ಆರಿಸಿಕೊಳ್ಳಲಿಲ್ಲ’ ಅಂತ ಬರೆದಿದ್ದೇನೆ. ಸಾಕಲ್ವಾ?

ಡ್ರಾಫ್ಟ್ ಮುಗಿದ ಮೇಲೆ ಕ್ಲೀವ್‌ಲ್ಯಾಂಡ್ ಬ್ರೌನ್ಸ್ ತಂಡ ಅವರನ್ನು ಕರೆಸಿಕೊಂಡು ನೋಡಿ, ಕೈಬಿಟ್ಟಿತು. ಮರುವರ್ಷ ಕೆನಡಾದ ಟೊರಾಂಟೊ ಆರ್ಗೊನಾಟ್ಸ್ ಕೂಡ ಕೈಬಿಟ್ಟಿತು. ಇಂಗ್ಲಿಷಿನವರು ಇದಕ್ಕೆ ‘ಕಟ್’ ಅನ್ನುತ್ತಾರೆ. ನಮ್ಮ ಪತ್ರಿಕೆಗಳು ಕ್ರಿಕೆಟ್‌ಗೆ ಬಳಸುವ ‘ಕೈಬಿಡು’ ಇಲ್ಲಿಗೆ ಹೇಳಿ ಮಾಡಿಸಿದ ಹಾಗಿದೆ. ಕೈ ಬಿಟ್ಟ ಮೇಲೆ ಮನುಷ್ಯ ಒಬ್ಬನೇ ನಿಲ್ಲುತ್ತಾನೆ ಅನ್ನುವ ನೋವೂ ಅದರೊಳಗೆ ಇದೆ. ಮಿಲ್ಸ್ ಊರಿಗೆ ವಾಪಸಾಗಿ ಈಸ್ಟ್ ಆರೆಂಜ್‌ನ ಹೈಸ್ಕೂಲಿನಲ್ಲಿ ಮಕ್ಕಳಿಗೆ ಫೋಟೋಗ್ರಫಿ, ಮರಗೆಲಸ ಹೇಳಿಕೊಟ್ಟರು.

1983ರಲ್ಲಿ ಯುಎಸ್‌ಎಫ್‌ಎಲ್ ಅನ್ನುವ ಹೊಸ ಲೀಗ್ ಶುರುವಾಯಿತು. ಅಲ್ಲಿನ ಫಿಲಡೆಲ್ಫಿಯಾ ಸ್ಟಾರ್ಸ್ ತಂಡ ಸೇರಿದರು. ಕೋಚ್ ಜಿಮ್ ಮೋರಾ. ಆ ಲೀಗ್ ನಡೆದದ್ದು ಮೂರೇ ವರ್ಷ. ಮೂರೂ ವರ್ಷ ಸ್ಟಾರ್ಸ್ ಫೈನಲ್‌ಗೆ ಬಂದು, ಮೊದಲನೆಯದು ಸೋತು, ಉಳಿದೆರಡು ಗೆದ್ದಿತು. 1986ರಲ್ಲಿ ಮೋರಾ ಎನ್‌ಎಫ್‌ಎಲ್‌ನ ನ್ಯೂ ಆರ್ಲಿಯನ್ಸ್ ಸೇಂಟ್ಸ್ ತಂಡಕ್ಕೆ ಕೋಚ್ ಆದರು, ಮಿಲ್ಸ್ ಅವರ ಜೊತೆ ಹೋದರು. ಸೇಂಟ್ಸ್ ತಂಡ ಆಡಲು ಶುರುಮಾಡಿದ್ದು 1967ರಲ್ಲಿ. ಅಲ್ಲಿಯವರೆಗೆ ಒಂದು ಸೀಸನ್ನಿನಲ್ಲೂ ಸೋಲಿಗಿಂತ ಗೆಲುವು ಜಾಸ್ತಿ ಆಗಿರಲಿಲ್ಲ. 1987ರಲ್ಲಿ 12 ಗೆದ್ದು 3 ಸೋತರು.

ಆ ತಂಡದ ನಾಲ್ವರು ಲೈನ್‌ಬ್ಯಾಕರ್‌ಗಳಿಗೆ ‘ಡೋಮ್ ಪಟ್ರೋಲ್’ ಅಂತ ಹೆಸರಿತ್ತು. ಮುಚ್ಚಿದ ಗುಮ್ಮಟದ ಕ್ರೀಡಾಂಗಣದಲ್ಲಿ ಗಸ್ತು ತಿರುಗುವವರು ಅಂತ. ಹೊರಗಡೆ ಎರಡು ತುದಿಯಲ್ಲಿ ರಿಕಿ ಜಾಕ್ಸನ್, ಪ್ಯಾಟ್ ಸ್ವಿಲ್ಲಿಂಗ್. ಒಳಗಡೆ ವಾನ್ ಜಾನ್ಸನ್ ಮತ್ತು ಮಿಲ್ಸ್. ‘ಗುಮ್ಮಟದ ಗಸ್ತು’ ಅಂತ ಬರೆದರೆ ಕನ್ನಡದಲ್ಲಿ ಚೆನ್ನಾಗಿಯೇ ಕೇಳುತ್ತದೆ, ಅದನ್ನೇ ಇಟ್ಟುಕೊಂಡಿದ್ದೇನೆ. 1992ರ ಸೀಸನ್ನಿನಲ್ಲಿ ನಾಲ್ವರೂ ಒಟ್ಟಿಗೆ ಪ್ರೋ ಬೌಲ್‌ಗೆ, ಅಂದರೆ ಆ ವರ್ಷದ ಅತಿ ಒಳ್ಳೆಯ ಆಟಗಾರರ ಪಂದ್ಯಕ್ಕೆ, ಆಯ್ಕೆಯಾದರು. ಒಂದೇ ತಂಡದ ನಾಲ್ವರು ಲೈನ್‌ಬ್ಯಾಕರ್‌ಗಳು ಹಾಗೆ ಆಯ್ಕೆಯಾದದ್ದು ಅದೇ ಮೊದಲು.

ಇಲ್ಲಿ ಎರಡನೆಯ ಪ್ರಶ್ನೆ. ಮಿಲ್ಸ್ ಅವರ ದೊಡ್ಡಸ್ತಿಕೆ ಬರೀ ತೋಳ್ಬಲದ್ದಲ್ಲ. ಆಟ ಎತ್ತ ಹೋಗುತ್ತದೆ ಅಂತ ಮೊದಲೇ ತಿಳಿಯುವುದು ಅವರ ಶಕ್ತಿ. ಒಳಗಿನ ಲೈನ್‌ಬ್ಯಾಕರ್ ಎಲ್ಲರ ಹಾಗೆ ಚೆಂಡನ್ನೇ ದಿಟ್ಟಿಸುವುದಿಲ್ಲ. ಎದುರು ಸಾಲಿನ ಗಾರ್ಡ್ ಮೇಲೆ, ಅಂದರೆ ಸಾಲಿನ ನಟ್ಟನಡುವಿನವನ ಪಕ್ಕದಲ್ಲಿ ನಿಲ್ಲುವ ಆಟಗಾರನ ಮೇಲೆ, ಕಣ್ಣಿಡುತ್ತಾನೆ. ಗಾರ್ಡ್ ಮುಂದೆ ಮುನ್ನುಗ್ಗಿದರೆ ಓಟ. ಅಡ್ಡಡ್ಡ ಓಡಿದರೆ ಚೆಂಡೂ ಹೆಚ್ಚಾಗಿ ಅದೇ ದಿಕ್ಕಿಗೆ. ಹಿಂದೆ ಹೆಜ್ಜೆ ಇಟ್ಟು ಎದ್ದು ನಿಂತರೆ ಎಸೆತ. ಮೋಸ ಮಾಡಲೆಂದೇ ಬೇಕಂತ ತಪ್ಪು ಹೆಜ್ಜೆ ಹಾಕುವುದೂ ಉಂಟು, ಅದನ್ನೂ ಗುರುತಿಸಬೇಕು. ಇದಕ್ಕೆ ‘ಆಟವನ್ನು ಓದುವುದು’ ಅಂತ ಬರೆಯುವವರು ಇದ್ದಾರೆ. ನನಗೆ ಅದು ಕನ್ನಡದ ಮಾತು ಅನ್ನಿಸುವುದಿಲ್ಲ. ‘ಜಾಡು ಹಿಡಿಯುವುದು’ ಅಂತ ಬರೆದಿದ್ದೇನೆ. ಹೆಜ್ಜೆ ನೋಡಿ ಹೋಗುವ ದಾರಿ ಕಂಡುಹಿಡಿಯುವುದು ಜಾಡು ಹಿಡಿಯುವುದು ತಾನೇ? ಇಲ್ಲಿ ನಡೆಯುವುದೂ ಅಕ್ಷರಶಃ ಅದೇ. ಒಂದೇ ಅನುಮಾನ: ಜಾಡು ಅಂದರೆ ಪ್ರಾಣಿ ಹೋದ ಮೇಲೆ ಉಳಿಯುವ ಗುರುತು. ಇಲ್ಲಿ ಎದುರಾಳಿ ಇನ್ನೂ ಹೋಗಿಯೇ ಇಲ್ಲ, ಹೊರಡುತ್ತಿದ್ದಾನೆ. ಈ ಅರ್ಥಕ್ಕೆ ನಿಮ್ಮ ಕಡೆ ಬೇರೆ ಮಾತು ಇದ್ದರೆ ಹೇಳಿ. ‘ಮಸಲತ್ತು ಪತ್ತೆ ಹಚ್ಚು’ ಅನ್ನುವುದು ಸ್ವಲ್ಪ ದೂರ ಹೋಯಿತು.

ಮೂರನೆಯದು ಟ್ಯಾಕಲ್. ಪ್ರೊ ಕಬಡ್ಡಿ ಬಂದ ಮೇಲೆ ಪತ್ರಿಕೆಗಳೆಲ್ಲ ‘ಟ್ಯಾಕಲ್’ ಅಂತಲೇ ಬರೆಯುತ್ತವೆ, ಓದುಗರಿಗೂ ರೂಢಿಯಾಗಿದೆ. ಕಬಡ್ಡಿಯಲ್ಲಿ ಗೆರೆ ಮುಟ್ಟದ ಹಾಗೆ ಹಿಡಿದಿಟ್ಟುಕೊಂಡರೆ ಆಯಿತು. ಇಲ್ಲಿ ಚೆಂಡು ಹಿಡಿದವನನ್ನು ನೆಲಕ್ಕೆ ಉರುಳಿಸಬೇಕು. ಹಾಗಾಗಿ ‘ಹಿಡಿತ’ ಸಾಲದು, ‘ಕೆಡವು’ ಬೇಕು. ಹಾಗೇ ‘ತಡೆ’ ಅನ್ನುವ ಪದವನ್ನು ಟ್ಯಾಕಲ್‌ಗೆ ಕೊಟ್ಟುಬಿಟ್ಟರೆ ಕಷ್ಟ. ಚೆಂಡು ಇರುವ ತಂಡದವರು ಎದುರಾಳಿಗಳನ್ನು ಅಡ್ಡಗಟ್ಟುತ್ತಾರೆ, ಆದರೆ ತಬ್ಬಿ ಹಿಡಿಯುವಂತಿಲ್ಲ. ಹಿಡಿದರೆ ದಂಡ. ಕಾಯುವ ತಂಡದವರು ಮಾತ್ರ ಚೆಂಡು ಇಟ್ಟುಕೊಂಡವನನ್ನು ತಬ್ಬಿ ಕೆಡವಬಹುದು. ‘ತಡೆ’ ಮೊದಲನೆಯದಕ್ಕೆ, ‘ಕೆಡವು’ ಎರಡನೆಯದಕ್ಕೆ ಅಂತ ಹಂಚಿದರೆ ಗೊಂದಲ ಇರುವುದಿಲ್ಲ. ಮಿಲ್ಸ್ ಗಿಡ್ಡಗಿದ್ದದ್ದು ಇಲ್ಲಿ ಅವರಿಗೆ ಅನುಕೂಲವಾಯಿತು. ಗರಡಿಗೆ ಹೋದವರಿಗೆ ಇದು ಗೊತ್ತಿರುತ್ತದೆ: ಕೆಳಗಿನಿಂದ ನುಗ್ಗಿ ಸೊಂಟದ ಕೆಳಗೆ ಹೆಗಲು ಕೊಟ್ಟರೆ ಎತ್ತರದ ಆಳು ಬುಡ ಸಡಿಲಿ ಬೀಳುತ್ತಾನೆ.

1995ರಲ್ಲಿ ಕ್ಯಾರೊಲೈನಾ ಪ್ಯಾಂಥರ್ಸ್ ಅನ್ನುವ ಹೊಸ ತಂಡ ಕಣಕ್ಕಿಳಿಯಿತು. ಮಿಲ್ಸ್ ಅಲ್ಲಿ ಆಡತೊಡಗಿದಾಗ ವಯಸ್ಸು 36. ಈ ಜಾಗದಲ್ಲಿ ಆಡುವವರು ಬಹಳ ಮಂದಿ ಅಷ್ಟರೊಳಗೆ ಆಟ ಬಿಟ್ಟು ವರ್ಷಗಳಾಗಿರುತ್ತವೆ. ಮೊದಲ ಐದು ಪಂದ್ಯವೂ ಸೋಲು. ಆರನೆಯದು ಅಕ್ಟೋಬರ್ 15ರಂದು, ನ್ಯೂಯಾರ್ಕ್ ಜೆಟ್ಸ್ ಮೇಲೆ. ಪ್ಯಾಂಥರ್ಸ್‌ಗೆ ಇನ್ನೂ ಸ್ವಂತ ಮೈದಾನ ಇರಲಿಲ್ಲ, ಆಟ ಕ್ಲೆಮ್ಸನ್ ವಿಶ್ವವಿದ್ಯಾಲಯದಲ್ಲಿ. ಜೆಟ್ಸ್‌ನ ಕ್ವಾರ್ಟರ್‌ಬ್ಯಾಕ್ (ಚೆಂಡು ಎಸೆಯುವ ಮುಖ್ಯ ಆಟಗಾರ) ಬಬ್ಬಿ ಬ್ರಿಸ್ಟರ್ ಚೆಂಡನ್ನು ಕೆಳಗೈಯಿಂದ ಮುಂದಕ್ಕೆ ಚಿಮ್ಮಿಸಿದರು. ಇದಕ್ಕೆ ಶವೆಲ್ ಪಾಸ್ ಅನ್ನುತ್ತಾರೆ, ಸಲಿಕೆಯಲ್ಲಿ ಮಣ್ಣು ಎತ್ತಿ ಹಾಕಿದ ಹಾಗೆ. ಆ ಚೆಂಡು ತಲುಪಬೇಕಾದ ಜಾಗದಲ್ಲಿ ಮಿಲ್ಸ್ ಇದ್ದರು. ಹಿಡಿದವರೇ 36 ಗಜ ಓಡಿ ಟಚ್‌ಡೌನ್ ಮಾಡಿದರು, ಅಂದರೆ ಎದುರಾಳಿಯ ಕೊನೆಯ ಗೆರೆ ದಾಟಿ ಅಂಕ ಗಳಿಸಿದರು. 26–15. ಆ ತಂಡದ ಇತಿಹಾಸದ ಮೊದಲ ಗೆಲುವು ಅದು.

ಇಂಟರ್‌ಸೆಪ್ಷನ್‌ಗೆ ನಾನು ‘ನಡುವೆ ಕಸಿದರು’ ಅಂತ ಬರೆದಿದ್ದೆ. ಕಸಿಯುವುದು ಅಂದರೆ ಇನ್ನೊಬ್ಬರ ಕೈಯಿಂದ ಕಿತ್ತುಕೊಳ್ಳುವುದು. ಇಲ್ಲಿ ಚೆಂಡು ಗಾಳಿಯಲ್ಲಿದೆ, ಯಾರ ಕೈಯಲ್ಲೂ ಇಲ್ಲ. ‘ನಡುವೆಯೇ ಹಿಡಿದರು’ ವಾಸಿ ಅನ್ನಿಸುತ್ತದೆ. ‘ಲಪಟಾಯಿಸು’ ಬೇಡ, ಅದರಲ್ಲಿ ಕಳ್ಳತನದ ವಾಸನೆ ಇದೆ.

ಮರುವರ್ಷ ಅದೇ ತಂಡ 12 ಪಂದ್ಯ ಗೆದ್ದು ಸೂಪರ್ ಬೌಲ್‌ಗೆ, ಅಂದರೆ ಎನ್‌ಎಫ್‌ಎಲ್ ಫೈನಲ್‌ಗೆ, ಒಂದೇ ಮೆಟ್ಟಿಲು ಇರುವಲ್ಲಿ ಗ್ರೀನ್ ಬೇ ಎದುರು ಸೋತಿತು. ಮಿಲ್ಸ್‌ಗೆ ಐದನೇ ಪ್ರೋ ಬೌಲ್, 37ರ ವಯಸ್ಸಿನಲ್ಲಿ. ತಂಡದ ಮೊದಲ ಮೂರು ವರ್ಷ ಒಂದು ಪಂದ್ಯವನ್ನೂ ಬಿಡದೆ ಮೊದಲಿನಿಂದ ಕಣಕ್ಕಿಳಿದ ಆಟಗಾರ ಅವರೊಬ್ಬರೇ. 1997ರ ಸೀಸನ್ ಮುಗಿದ ಮೇಲೆ ಆಟ ಬಿಟ್ಟು, ಅಲ್ಲೇ ಕೋಚ್ ಆದರು. ಎಳೆಯ ಲೈನ್‌ಬ್ಯಾಕರ್‌ಗಳಿಗೆ ಪಾಠ ಹೇಳುವ ಕೆಲಸ. ಮೊದಲೇ ಮೇಷ್ಟ್ರಾಗಿದ್ದವರು ನೋಡಿ.

ಈಗ ನನ್ನ ಮುಖ್ಯ ಪ್ರಶ್ನೆ. ಇದಕ್ಕಾಗಿಯೇ ಈ ಮೇಲ್ ಬರೆದದ್ದು ಅಂದರೂ ಸರಿ.

2003ರ ಆಗಸ್ಟ್‌ನಲ್ಲಿ ಮಿಲ್ಸ್‌ಗೆ ಕರುಳಿನ ಕ್ಯಾನ್ಸರ್ ಇರುವುದು ಗೊತ್ತಾಯಿತು. ಅದೇ ತಿಂಗಳು ಅವರ ತಂಡದ ಲೈನ್‌ಬ್ಯಾಕರ್ ಮಾರ್ಕ್ ಫೀಲ್ಡ್ಸ್‌ಗೂ ಬೇರೊಂದು ಬಗೆಯ ಕ್ಯಾನ್ಸರ್ ಪತ್ತೆಯಾಯಿತು. ಮಿಲ್ಸ್ ಚಿಕಿತ್ಸೆ ಪಡೆಯುತ್ತಲೇ ಕೋಚ್ ಕೆಲಸ ಮುಂದುವರಿಸಿದರು. 2004ರ ಜನವರಿಯಲ್ಲಿ ಡಲ್ಲಾಸ್ ಎದುರಿನ ಪ್ಲೇಆಫ್ ಪಂದ್ಯಕ್ಕೆ ಮುಂಚೆ ಆಟಗಾರರ ಮುಂದೆ ನಿಂತು ಮಾತಾಡಿದರು. ಕಾಯಿಲೆ ಇದೆ ಅಂತ ಗೊತ್ತಾದಾಗ ತನ್ನ ಮುಂದೆ ಎರಡೇ ದಾರಿ ಇತ್ತು, ಸೋತು ಕೂರುವುದು ಅಥವಾ ‘ಕೀಪ್ ಪೌಂಡಿಂಗ್’, ಅನ್ನುವುದು ಆ ಮಾತಿನ ತಿರುಳು. ಪ್ಯಾಂಥರ್ಸ್ 29–10ರಲ್ಲಿ ಗೆದ್ದರು. ಅಲ್ಲಿಂದ ಸೂಪರ್ ಬೌಲ್‌ವರೆಗೂ ಹೋಗಿ, ನ್ಯೂ ಇಂಗ್ಲೆಂಡ್ ಎದುರು 32–29ರಲ್ಲಿ ಸೋತರು. ಮಿಲ್ಸ್ 2005ರ ಏಪ್ರಿಲ್ 18ರಂದು ತೀರಿಕೊಂಡರು. ವಯಸ್ಸು 45. ಅವರ 51ನೇ ನಂಬರನ್ನು ಆ ವರ್ಷದಿಂದ ತಂಡ ಯಾರಿಗೂ ಕೊಟ್ಟಿಲ್ಲ. (‘ಜೆರ್ಸಿಗೆ ನಿವೃತ್ತಿ’ ಅಂತ ಸಚಿನ್ ವಿಷಯದಲ್ಲಿ ಪತ್ರಿಕೆಗಳು ಬರೆದಿದ್ದವು. ನನಗೆ ‘ಯಾರಿಗೂ ಕೊಟ್ಟಿಲ್ಲ’ ಅನ್ನುವುದೇ ಹಿತ.)

‘ಕೀಪ್ ಪೌಂಡಿಂಗ್’ ಅನ್ನುವ ಆ ಎರಡು ಪದಗಳು ಈಗ ಆ ತಂಡದ ಉಸಿರು. ಆಟಗಾರರ ಜೆರ್ಸಿಯ ಕಾಲರ್ ಒಳಗೆ ಅವನ್ನು ಬರೆದಿರುತ್ತಾರೆ. ತಂಡದ ಊರಾದ ಶಾರ್ಲೆಟ್‌ನಲ್ಲಿ ಪಂದ್ಯ ಶುರುವಾಗುವ ಮುಂಚೆ ಒಬ್ಬ ಅತಿಥಿ ಬಂದು ದೊಡ್ಡ ಡ್ರಮ್ ಬಾರಿಸುತ್ತಾರೆ. ಅರ್ಧ ಮೈದಾನ ‘ಕೀಪ್’ ಅಂದರೆ ಇನ್ನರ್ಧ ‘ಪೌಂಡಿಂಗ್’ ಅನ್ನುತ್ತದೆ.

ಇದನ್ನು ಕನ್ನಡದಲ್ಲಿ ಹೇಗೆ ಹೇಳುವುದು? ‘ಪಟ್ಟು ಬಿಡಬೇಡಿ’ ಮೊದಲು ಹೊಳೆದದ್ದು. ಬಹಳ ಒಳ್ಳೆಯ ಮಾತು. ಪಟ್ಟು ಅನ್ನುವುದು ಕುಸ್ತಿಯ ಹಿಡಿತವೂ ಹೌದು, ಮನಸ್ಸಿನ ಹಟವೂ ಹೌದು. ಆಳುಗಳನ್ನು ತಬ್ಬಿ ಕೆಡವಿದ ಮನುಷ್ಯನ ಬಾಯಲ್ಲಿ ಚೆನ್ನಾಗಿ ಒಪ್ಪುತ್ತದೆ. ಆದರೆ ‘ಬಿಡಬೇಡಿ’ ಅನ್ನುವುದು ಇದ್ದಲ್ಲೇ ಬಿಗಿಯಾಗಿ ಹಿಡಿದು ನಿಲ್ಲುವ ಮಾತು. ಮಿಲ್ಸ್ ಹೇಳಿದ್ದು ಹೊಡೆತದ ಮೇಲೆ ಹೊಡೆತ ಹಾಕುತ್ತಾ ಮುಂದೆ ಹೋಗುವ ಮಾತು. ‘ಕುಟ್ಟುತ್ತಾ ಇರಿ’ ಅಂದರೆ ಅರ್ಥ ಹತ್ತಿರ ಬರುತ್ತದೆ, ಆದರೆ ಮನಸ್ಸು ಅಡುಗೆಮನೆಗೆ ಹೋಗುತ್ತದೆ. ‘ಬಡೀತಾ ಇರಿ’ ಅಂದರೆ ಡ್ರಮ್ಮಿಗೆ ಸರಿ, ಎದೆಬಡಿತದ ನೆನಪೂ ಆಗುತ್ತದೆ, ಕೂಗಲೂ ಬರುತ್ತದೆ. ಯಾರನ್ನೋ ಹಿಡಿದು ಬಡಿಯಿರಿ ಅಂದ ಹಾಗೂ ಕೇಳಬಹುದು ಅನ್ನುವುದೊಂದೇ ಅಳುಕು. ಧಾರವಾಡದ ಕಡೆಯವರು ‘ಬಡೀರಿ, ಬಿಡಬ್ಯಾಡ್ರಿ’ ಅಂದರೆ ಅದಕ್ಕೊಂದು ಗತ್ತು ಬರುತ್ತದೆ. ಬರಹದ ಕನ್ನಡದಲ್ಲಿ ಆ ಗತ್ತು ಉಳಿಯುತ್ತದೆಯೇ, ನನಗೆ ಧೈರ್ಯ ಸಾಲದು.

2022ರಲ್ಲಿ ಮಿಲ್ಸ್ ಅವರನ್ನು ಓಹಾಯೊದ ಕ್ಯಾಂಟನ್‌ನಲ್ಲಿರುವ ಹಾಲ್ ಆಫ್ ಫೇಮ್‌ಗೆ, ಅಂದರೆ ಆ ಆಟದ ದಿಗ್ಗಜರ ಗೌರವಪಟ್ಟಿಗೆ, ಸೇರಿಸಿದರು. ಇತ್ತೀಚಿನ ಕಾಲದ ಆಟಗಾರರ ವಿಭಾಗದಲ್ಲಿ ಅವರ ಹೆಸರು ಪರಿಶೀಲನೆಗೆ ಬರಬಹುದಾಗಿದ್ದ ಇಪ್ಪತ್ತನೆಯ ಮತ್ತು ಕೊನೆಯ ವರ್ಷ ಅದು. ಲೇಖನವನ್ನು ಅಲ್ಲಿಗೆ ಮುಗಿಸುತ್ತೇನೆ, ಆದರೆ ತಲೆಬರಹಕ್ಕೆ ಆ ಎರಡು ಪದಗಳ ಕನ್ನಡವೇ ಬೇಕು ಅಂತ ಆಸೆ. ಮೂರು ಪದ ಮೀರಬಾರದು, ಗುಂಪಿನಲ್ಲಿ ಕೂಗಲು ಬರಬೇಕು, ಹಾಸಿಗೆ ಹಿಡಿದವರ ಮುಂದೆ ಹೇಳಿದರೂ ಒರಟಾಗಿ ಕೇಳಬಾರದು. ಗರಡಿ, ಕಬಡ್ಡಿ, ಡೊಳ್ಳು ಕುಣಿತದಲ್ಲಿ ಹುರಿದುಂಬಿಸಲು ನಿಮ್ಮ ಊರಲ್ಲಿ ಕೂಗುವ ಮಾತು ಯಾವುದಿದೆ? ಊರಿನ ಹೆಸರು ಸಮೇತ ತಿಳಿಸಿ. ‘ಬೆಂಗಾವಲಿಗ’ದ ಬಗ್ಗೆಯೂ ಒಂದು ಮಾತು ಬರೆಯಿರಿ.

ವಂದನೆಗಳು.